ಜನಮೆಚ್ಚುಗೆ, ವಿದ್ವಜ್ಜನಮೆಚ್ಚುಗೆ ಮತ್ತು ಚಲನಚಿತ್ರ

ಖಾನಾಪುರ ತಾಲ್ಲೂಕಿನ ಪಶ್ಚಿಮದಂಚಿನ ಕಣಕುಂಬಿಯಲ್ಲಿ, ಸಮುದ್ರಮಟ್ಟದಿಂದ ಸುಮಾರು 792 ಮೀಟರ್ ಎತ್ತರದಲ್ಲಿ, ಮಾವುಲಿದೇವಿಯ ಗುಡಿಯ ಮಗ್ಗುಲಲ್ಲಿ ಮಲಪ್ರಭೆ ಹುಟ್ಟುತ್ತಾಳೆ. ಅಲ್ಲಿಂದ ಮೂಡಲಿಗೆ ಹರಿದು ಬೈಲಹೊಂಗಲ ತಾಲ್ಲೂಕಿನ ಒಕ್ಕುಂದವನ್ನೂ, ಹಿಂದೆ ಕಿಸುವೊಳಲೆನಿಸಿದ್ದ ಪಟ್ಟದಕಲ್ಲನ್ನೂ ದಾಟಿ ಕೂಡಲಸಂಗಮದಲ್ಲಿ ಕೃಷ್ಣೆಯೊಡನೆ ಬೆರೆಯುತ್ತಾಳೆ. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ವು ತಿರುಳ್ಗನ್ನಡದ ನೆಲೆಯೆಂದು ಗುರುತಿಸಿದ ನಾಲ್ಕು ಊರುಗಳಲ್ಲಿ ಎರಡು ಈ ನದಿಯ ದಡದಲ್ಲಿಯೇ ಇವೆ. ಅದೇ ಗ್ರಂಥವು ಕನ್ನಡನಾಡಿನ ಜನರನ್ನು ಬಣ್ಣಿಸುವಾಗ, ಅವರು ಶಾಸ್ತ್ರವನ್ನು ಕಟ್ಟುನಿಟ್ಟಾಗಿ ಓದದೆಯೂ ಕಾವ್ಯದ ಮರ್ಮವನ್ನು ಅರಿತವರೆಂದು ಹೇಳುತ್ತದೆ. ಈ ಮಾತನ್ನು ನಾಡಿನ ಹೊಗಳಿಕೆಯೆಂದು ಪರೀಕ್ಷೆಗಳಲ್ಲಿ ಬರೆಯಿಸುವುದು ರೂಢಿ. ಆದರೆ ಅದರಲ್ಲಿ ವಿಮರ್ಶೆಯ ಒಂದು ತತ್ತ್ವವೇ ಅಡಗಿದೆ. ಅಕ್ಷರವಿಲ್ಲದ ಶ್ರೋತೃವೂ ತೀರ್ಪುಗಾರನೆಂಬುದೇ ಆ ತತ್ತ್ವ.

ಚಲನಚಿತ್ರದ ಮಾತು ಬಂದಾಗ ಮಾತ್ರ ವಿದ್ಯಾವಂತರು ಈ ತತ್ತ್ವವನ್ನು ಮರೆಯುತ್ತಾರೆ. ಜನ ಮುಗಿಬಿದ್ದು ನೋಡಿದ್ದನ್ನು ಪಂಡಿತರು ಮೂಸಿನೋಡುವುದಿಲ್ಲ. ಪಂಡಿತರು ಕೊಂಡಾಡಿದ್ದನ್ನು ನೋಡಲು ಜನ ಬರುವುದಿಲ್ಲ. ಇದು ಶಾಲೆಯ ಪಡಸಾಲೆಯಲ್ಲಿಯೂ ಪತ್ರಿಕೆಗಳಲ್ಲಿಯೂ ಸಮನಾಗಿ ಕೇಳಿಬರುವ ಮಾತು. ಅಲಂಕಾರಶಾಸ್ತ್ರ ಇದಕ್ಕೆ ಏನನ್ನುತ್ತದೆಂದು ನೋಡುವುದು ಉಚಿತ.

ಭರತಮುನಿಯ ನಾಟ್ಯಶಾಸ್ತ್ರದ 27ನೆಯ ಅಧ್ಯಾಯವು ಪ್ರಯೋಗದ ಸಿದ್ಧಿಯನ್ನು ಕುರಿತದ್ದು. ಸಿದ್ಧಿ ಎರಡು ಬಗೆ: ಮಾನುಷೀ ಮತ್ತು ದೈವಿಕೀ. ಪ್ರೇಕ್ಷಕರು ನಗುವುದು, ‘ಸಾಧು’ ಎನ್ನುವುದು, ಕರುಣದ ಸನ್ನಿವೇಶದಲ್ಲಿ ‘ಕಷ್ಟಂ’ ಎಂದು ಉದ್ಗರಿಸುವುದು, ರೋಮಾಂಚಗೊಳ್ಳುವುದು, ಎದ್ದು ನಿಲ್ಲುವುದು, ಮೈಮೇಲಿನ ವಸ್ತ್ರವನ್ನೂ ಬೆರಳಿನ ಉಂಗುರವನ್ನೂ ಕೊಟ್ಟುಬಿಡುವುದು - ಇವೆಲ್ಲ ಮಾನುಷೀ ಸಿದ್ಧಿಯ ಕುರುಹುಗಳು. ದೈವಿಕೀ ಸಿದ್ಧಿಯಲ್ಲಿ ಸದ್ದಿಲ್ಲ, ಕ್ಷೋಭೆಯಿಲ್ಲ, ಉತ್ಪಾತವಿಲ್ಲ; ಆದರೆ ರಂಗ ತುಂಬಿರಬೇಕು. ಈ ಕೊನೆಯ ಮಾತು ಮನನೀಯವಾದುದು. ಮೇಲಾದ ಸಿದ್ಧಿಗೂ ತುಂಬಿದ ಸಭೆ ಬೇಕೆಂದು ಮುನಿಯೇ ವಿಧಿಸಿದ್ದಾನೆ. ಬರಿದಾದ ಆಸನಗಳ ಮುಂದಿನ ಮೌನಕ್ಕೆ ಶಾಸ್ತ್ರದಲ್ಲಿ ಹೆಸರಿಲ್ಲ.

ಅಲ್ಲಿಯೇ ಮುಂದೆ ಪ್ರಾಶ್ನಿಕರ, ಎಂದರೆ ನಿರ್ಣಾಯಕರ, ಪಟ್ಟಿಯಿದೆ. ಯಜ್ಞವನ್ನು ಬಲ್ಲವನು, ನರ್ತಕ, ಛಂದಸ್ಸನ್ನು ಬಲ್ಲವನು, ವೈಯಾಕರಣ, ರಾಜ, ಧನುರ್ವಿದ್ಯೆಯವನು, ಚಿತ್ರಕಾರ, ವೇಶ್ಯೆ, ಗಾಯಕ, ರಾಜಸೇವಕ: ಹೀಗೆ ಹತ್ತು ಮಂದಿ. ಯಾವ ಬಾಳು ರಂಗದ ಮೇಲೆ ಬರುತ್ತದೆಯೋ ಅದನ್ನು ಬಾಳಿದವರೇ ಅದರ ಸತ್ಯಾಸತ್ಯವನ್ನು ಹೇಳಬೇಕೆಂಬುದು ಇಲ್ಲಿನ ಆಶಯ. ವೈಯಾಕರಣನಿಗೆ ಒಂದೇ ಒಂದು ಪೀಠ ದೊರೆತಿರುವುದನ್ನು ಪಂಡಿತವರ್ಗವು ಗಮನಿಸಬೇಕು!

ಕಣಕುಂಬಿಯ ಸೀಮೆಯಲ್ಲಿ ಕನ್ನಡ, ಮರಾಠಿ, ಕೊಂಕಣಿಗಳು ಒಂದೇ ಸಂತೆಯಲ್ಲಿ ಕೇಳಿಸುತ್ತವೆ. ಆದ್ದರಿಂದ ಮೊದಲ ನಿದರ್ಶನವನ್ನು ಮರಾಠಿಯಿಂದ ಎತ್ತಿಕೊಂಡರೆ ತಪ್ಪಾಗದು. ಪುಣೆಯ ಪ್ರಭಾತ್ ಸಂಸ್ಥೆಯ ‘ಸಂತ ತುಕಾರಾಂ’ 1936ರಲ್ಲಿ ತೆರೆಕಂಡಿತು. ದಾಮ್ಲೆ ಮತ್ತು ಫತ್ತೇಲಾಲ್ ನಿರ್ದೇಶಕರು. ವಿಷ್ಣುಪಂತ ಪಾಗನೀಸರು ತುಕಾರಾಮರು. ಮುಂಬಯಿಯಲ್ಲಿ ಅದು ವರ್ಷಕ್ಕೂ ಮಿಗಿಲಾಗಿ ನಡೆಯಿತು. 1937ರ ವೆನಿಸ್ ಚಿತ್ರೋತ್ಸವದಲ್ಲಿ ಮನ್ನಣೆ ಪಡೆಯಿತು. ವಾರಕರಿಗಳ ನಾಡಿನಲ್ಲಿ ತುಕಾರಾಮರ ಚಿತ್ರಕ್ಕೆ ಜನ ಸೇರಿದ್ದರಲ್ಲಿ ಆಶ್ಚರ್ಯವಿಲ್ಲ. ಭಾಷೆಯೂ ಭಕ್ತಿಯೂ ಗೊತ್ತಿಲ್ಲದ ವೆನಿಸ್ಸಿನವರು ಏನನ್ನು ಕಂಡರು? ಪಾಗನೀಸರ ಮುಖದ ಪ್ರಶಾಂತಿ ಒಂದು ಕಾರಣವಾಗಿರಬಹುದು. ಆದರೆ ಚಿತ್ರದ ಜೀವಾಳವಿರುವುದು ಗೌರಿ ಎಂಬ ನಟಿ ಅಭಿನಯಿಸಿದ ಹೆಂಡತಿಯ ಪಾತ್ರದಲ್ಲಿ. ಗಂಡ ಭಜನೆಯಲ್ಲಿ ಮೈಮರೆತಾಗ ಎಮ್ಮೆಯನ್ನೂ ಮಕ್ಕಳನ್ನೂ ಸಂಭಾಳಿಸುವವಳು, ಹೊಟ್ಟೆಗಿಲ್ಲದಾಗ ವಿಠ್ಠಲನನ್ನೇ ಬೈಯುವವಳು ಅವಳು. ಆಕೆಯ ಹಸಿವಿನಿಂದಾಗಿ ಸಂತನ ವೈರಾಗ್ಯಕ್ಕೆ ತೂಕ ಬಂದಿದೆ. ಈ ಚಿತ್ರಕ್ಕಾಗಿ ಶಾಂತಾರಾಮ ಆಠವಲೆಯವರು ರಚಿಸಿದ ಹಾಡೊಂದನ್ನು ತುಕಾರಾಮರ ಅಭಂಗವೆಂದೇ ಬಗೆದವರುಂಟು. ಹಳೆಯ ಪರಂಪರೆಯಲ್ಲಿ ಹೊಸತನ್ನು ಹೊಲಿದ ದಾರ ಕಾಣಿಸದಿರುವುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷ್ಯ ಬೇಡ.

ಇನ್ನು ಕಿತ್ತೂರಿನ ಕಡೆಗೆ. ಬಿ. ಆರ್. ಪಂತುಲು ಅವರ ‘ಕಿತ್ತೂರು ಚೆನ್ನಮ್ಮ’ 1961ರ ಚಿತ್ರ. ಬಿ. ಸರೋಜಾದೇವಿ ರಾಣಿಯಾಗಿ, ರಾಜಕುಮಾರ್ ಮಲ್ಲಸರ್ಜನಾಗಿ ಅಭಿನಯಿಸಿದರು. ಆ ವರ್ಷದ ರಾಷ್ಟ್ರಪ್ರಶಸ್ತಿಗಳಲ್ಲಿ ಕನ್ನಡದ ಗೌರವ ಅದಕ್ಕೆ ಸಂದಿತು. ಜನರಂತೂ ಸರೋಜಾದೇವಿಯವರಲ್ಲಿಯೇ ರಾಣಿಯ ರೂಪವನ್ನು ಕಂಡರು. ಈ ಪ್ರಾಂತದಲ್ಲಿ ಅಂಥ ಚಿತ್ರವನ್ನು ತೋರಿಸುವುದು ಸುಲಭದ ಮಾತಲ್ಲ. 1824ರ ಅಕ್ಟೋಬರ್ 23ರಂದು ಥ್ಯಾಕರೆ ಬಿದ್ದ ಕಥೆಯನ್ನೂ, 1831ರಲ್ಲಿ ಸಂಗೊಳ್ಳಿ ರಾಯಣ್ಣನನ್ನು ಖಾನಾಪುರ ತಾಲ್ಲೂಕಿನ ನಂದಗಡದಲ್ಲಿ ಗಲ್ಲಿಗೇರಿಸಿದ ಕಥೆಯನ್ನೂ ಲಾವಣಿ, ಗೀಗಿಪದಗಳ ಮೂಲಕ ಬಾಯಿಪಾಠ ಮಾಡಿಕೊಂಡ ಜನ ಇವರು. ವೀರರಸಕ್ಕೆ ಇಲ್ಲಿ ಪ್ರತಿ ಊರಿನಲ್ಲೂ ಒಬ್ಬ ಪ್ರಾಶ್ನಿಕನಿದ್ದಾನೆ. ಚಿತ್ರದ ಸಂಭಾಷಣೆ ಗ್ರಾಂಥಿಕವಾದುದು. ಕಿತ್ತೂರಿನ ಗಂಡುಮೆಟ್ಟಿನ ಮಾತು ಅದರಲ್ಲಿ ಕೇಳಿಸದು. ಇದು ಕೊರತೆಯೇ. ಆದರೂ ಅಕ್ಕಮಹಾದೇವಿಯ ವಚನವೊಂದನ್ನು ಹಾಡಾಗಿ ಅಳವಡಿಸಿದೆಡೆಯಲ್ಲಿ ಅರಮನೆಯ ರಾಣಿಗೆ ಶರಣೆಯ ಛಾಯೆ ಬರುತ್ತದೆ. ಕತ್ತಿಯ ಝಳಪಿಗಿಂತ ಆ ಗಳಿಗೆಯೇ ಬಹುಕಾಲ ನಿಲ್ಲುವಂಥದು.

ಟಿ. ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ (1990) ಇದಕ್ಕಿಂತ ಬೇರೆಯ ದಾರಿ ಹಿಡಿಯಿತು. ಶ್ರೀಧರ್ ಶರೀಫರಾಗಿ, ಗಿರೀಶ ಕಾರ್ನಾಡರು ಗುರು ಗೋವಿಂದಭಟ್ಟರಾಗಿ ಕಾಣಿಸಿಕೊಂಡ ಈ ಚಿತ್ರಕ್ಕೆ ರಾಷ್ಟ್ರೀಯ ಭಾವೈಕ್ಯದ ವಿಭಾಗದಲ್ಲಿ ನರ್ಗಿಸ್ ದತ್ ಪ್ರಶಸ್ತಿ ದೊರೆಯಿತು. ಪ್ರಶಸ್ತಿಯವರು ಮೆಚ್ಚಿದ್ದು ಗುರುಶಿಷ್ಯರ ಬಾಂಧವ್ಯವನ್ನು. ಜನ ಮನೆಗೆ ಕೊಂಡೊಯ್ದದ್ದು ಸಿ. ಅಶ್ವತ್ಥರು ಸ್ವರ ಕಟ್ಟಿ ಹಾಡಿದ ತತ್ತ್ವಪದಗಳನ್ನು. ಧಾರವಾಡ ಸೀಮೆಯ ಭಜನೆಯ ಮೇಳಗಳು ಏಕತಾರಿಯೊಡನೆ ಹಾಡಿಕೊಂಡು ಬಂದಿದ್ದ ಪದಗಳು ಧ್ವನಿಸುರುಳಿಗಳಲ್ಲಿ ನಾಡೆಲ್ಲ ಹರಡಿದವು. ಕಥೆಯ ಹೆಣಿಗೆ ಅಲ್ಲಲ್ಲಿ ಸಡಿಲವಾಗಿದೆಯೆಂದು ಹೇಳಬಹುದು. ಆದರೆ ಬೆಡಗಿನ ಮಾತು ಅರ್ಥವಾಗದ ಪ್ರೇಕ್ಷಕನೂ ಆ ಪದಗಳನ್ನು ಗುನುಗುತ್ತಾನಲ್ಲ, ಅದನ್ನು ಅಜ್ಞಾನವೆಂದು ತಳ್ಳಿಹಾಕಲಾಗದು. ಅಲ್ಲಮನ ಬೆಡಗನ್ನು ಕೇಳಿದವರೆಲ್ಲ ಟೀಕೆಯನ್ನು ಓದಿ ಕೇಳಿದವರಲ್ಲ.

ಭಕ್ತಿಗೂ ವೀರಕ್ಕೂ ಜನ ಒಲಿಯುವುದು ಸಹಜ. ಜನರಿಗೆ ಇರುಸುಮುರುಸಾಗುವ ವಸ್ತುವನ್ನಿಟ್ಟುಕೊಂಡು ಎರಡೂ ಮೆಚ್ಚುಗೆ ಪಡೆದ ಚಿತ್ರವೇ ಈ ವಿಚಾರಕ್ಕೆ ನಿಜವಾದ ಒರೆಗಲ್ಲು. ಪುಟ್ಟಣ್ಣ ಕಣಗಾಲರ ‘ಗೆಜ್ಜೆಪೂಜೆ’ (1969) ಅಂಥದು. ಅದರ ಮೂಲ ಎಂ. ಕೆ. ಇಂದಿರಾ ಅವರ ಅದೇ ಹೆಸರಿನ ಕಾದಂಬರಿ. 1917ರಲ್ಲಿ ತೀರ್ಥಹಳ್ಳಿಯಲ್ಲಿ ಹುಟ್ಟಿದ ಆ ಲೇಖಕಿಗೆ ದೊರೆತ ಶಾಲಾ ಶಿಕ್ಷಣ ಸ್ವಲ್ಪ. ಕಾದಂಬರಿಗಳನ್ನು ಬರೆಯತೊಡಗಿದ್ದು ನಡುವಯಸ್ಸಿನಲ್ಲಿ. ಓದದೆಯೂ ಕಾವ್ಯ ಬಲ್ಲವರೆಂದು ‘ಕವಿರಾಜಮಾರ್ಗ’ ಹೇಳಿದವರ ಸಂತತಿಯಲ್ಲಿ ಇವರನ್ನೂ ಎಣಿಸಬೇಕು.

ಚಿತ್ರದ ನಾಯಕಿ ಚಂದ್ರಾ. ಕಲ್ಪನಾ ಅವರ ಹೆಸರು ನಾಡಿನ ಮನೆಮನೆಗೆ ಮುಟ್ಟುವುದಕ್ಕೆ ಈ ಪಾತ್ರವೂ ಕಾರಣ. ವೇಶ್ಯಾವೃತ್ತಿಯ ಮನೆಯಲ್ಲಿ ಬೆಳೆದ ಹುಡುಗಿಗೆ ಓದುವ ಆಸೆ, ಎಲ್ಲರಂತೆ ಮದುವೆಯಾಗಿ ಮನೆ ತುಂಬುವ ಆಸೆ. ನೆರೆಮನೆಯ ಯುವಕನ ಪ್ರೀತಿ ಆ ಆಸೆಗೆ ಚಿಗುರು ಮೂಡಿಸುತ್ತದೆ. ಅವನ ಸಂಶಯ ಅದನ್ನು ಚಿವುಟುತ್ತದೆ. ಕೊನೆಗೆ ಗೆಜ್ಜೆಪೂಜೆಗೆ, ಎಂದರೆ ಆ ವೃತ್ತಿಯ ದೀಕ್ಷೆಗೆ, ಆಕೆ ಒಪ್ಪುತ್ತಾಳೆ. ಆದರೆ ವೃತ್ತಿಗಿಳಿಯುವುದಿಲ್ಲ, ಪ್ರಾಣ ಬಿಡುತ್ತಾಳೆ. ಇಲ್ಲಿ ದುಷ್ಟನೆಂದು ಬೊಟ್ಟುಮಾಡಲು ಯಾರೂ ಸಿಕ್ಕುವುದಿಲ್ಲ. ತಾಯಿಗೆ ಮಗಳ ಮೇಲೆ ಪ್ರೀತಿಯಿಲ್ಲವೆನ್ನುವಂತಿಲ್ಲ, ನೆರೆಯವರು ಕೆಟ್ಟವರೆನ್ನುವಂತಿಲ್ಲ. ಖಳನಿದ್ದರೆ ಪ್ರೇಕ್ಷಕನು ಅವನನ್ನು ಶಪಿಸಿ ಹಗುರಾಗಿ ಮನೆಗೆ ಹೋಗಬಹುದಿತ್ತು. ಪುಟ್ಟಣ್ಣನವರು ಆ ಬಾಗಿಲನ್ನು ಮುಚ್ಚಿದರು. ಚಿತ್ರಮಂದಿರದಿಂದ ಹೊರಬರುವವನು ತನ್ನ ಬೀದಿಯನ್ನೇ ಹೊತ್ತುಕೊಂಡು ಬರಬೇಕಾಗುತ್ತದೆ.

ರಾಷ್ಟ್ರಪ್ರಶಸ್ತಿಯಲ್ಲಿ ಅದು ಆ ವರ್ಷದ ಶ್ರೇಷ್ಠ ಕನ್ನಡ ಚಿತ್ರವೆನಿಸಿತು. ಚಿತ್ರಕಥೆಗಾಗಿ ಪುಟ್ಟಣ್ಣನವರಿಗೂ ರಾಷ್ಟ್ರಮಟ್ಟದ ಪ್ರಶಸ್ತಿ ಬಂದಿತು. ಜನರೂ, ಅದರಲ್ಲಿಯೂ ಹೆಣ್ಣುಮಕ್ಕಳು, ಅದನ್ನು ನೆಚ್ಚಿ ನೋಡಿದರು. ವಿಜಯಭಾಸ್ಕರರ ಸಂಗೀತ ಜನರನ್ನು ಒಳಗೆ ಕರೆದದ್ದು ನಿಜ. ಒಳಗೆ ಬಂದವರನ್ನು ಕೊನೆಯವರೆಗೆ ಕೂರಿಸಿದ್ದು ಹಾಡಲ್ಲ. ‘ಸಂಸ್ಕಾರ’ (1970) ರಾಷ್ಟ್ರಪತಿಗಳ ಸ್ವರ್ಣಪದಕ ತಂದು ಹೊಸ ಅಲೆಯನ್ನೆಬ್ಬಿಸಿತು. ‘ಬಂಗಾರದ ಮನುಷ್ಯ’ (1972) ಬೆಂಗಳೂರಿನ ಒಂದೇ ಚಿತ್ರಮಂದಿರದಲ್ಲಿ ಎರಡು ವರ್ಷ ನಡೆದು ಇನ್ನೊಂದು ಬಗೆಯ ದಾಖಲೆಯಾಯಿತು. ಇವೆರಡರ ನಡುವಣ ಸೇತುವೆಯೆಂದು ವಿಮರ್ಶಕರು ಪುಟ್ಟಣ್ಣನವರ ಚಿತ್ರಗಳನ್ನು ಕರೆದರು. ಸೇತುವೆಯೆಂಬ ಮಾತು ಅಷ್ಟು ಸಮಂಜಸವಲ್ಲ. ಸೇತುವೆ ಬೇಕಾಗುವುದು ಎರಡು ದಡಗಳಿದ್ದಾಗ. ‘ಗೆಜ್ಜೆಪೂಜೆ’ಯ ಕೊನೆಯ ದೃಶ್ಯದ ಮುಂದೆ ಪಂಡಿತನೂ ಪಾಮರನೂ ಒಂದೇ ದಡದಲ್ಲಿ ಕುಳಿತಿರುತ್ತಾರೆ. ಆಗ ‘ಕಷ್ಟಂ’ ಎಂಬ ಮಾನುಷೀ ಉದ್ಗಾರ ಮೊದಲು ಹೊರಡಬಹುದು. ಬಳಿಕ ತುಂಬಿದ ರಂಗದ ನಿಶ್ಶಬ್ದ. ಮಾನುಷಿಯು ದೈವಿಕಿಯಾಗಿ ತಿರುಗುವ ಕ್ಷಣ ಅದು.

ಬೆಳಗಾವಿ ಜಿಲ್ಲೆಯ ಮಟ್ಟಿಗೆ ಈ ಚಿತ್ರಕ್ಕೆ ಇನ್ನೂ ಒಂದು ಅರ್ಥವಿದೆ. ಕಣಕುಂಬಿಯಲ್ಲಿ ಹುಟ್ಟಿದ ನದಿಗೆ ಸವದತ್ತಿಯ ಬಳಿ ನವಿಲುತೀರ್ಥದಲ್ಲಿ ಅಣೆಕಟ್ಟು ಕಟ್ಟಿದೆ. ಅದೇ ಸವದತ್ತಿಯ ಎಲ್ಲಮ್ಮನ ಗುಡ್ಡದಲ್ಲಿ ಬಡವರ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟುವ ರೂಢಿ ಬಹುಕಾಲ ನಡೆಯಿತು. ಮೈಸೂರು ಸಂಸ್ಥಾನವು 1909ರಲ್ಲಿಯೇ ಸರ್ಕಾರಿ ದೇವಾಲಯಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿತ್ತು. ಬೆಳಗಾವಿಯು ಸೇರಿದ್ದ ಮುಂಬಯಿ ಪ್ರಾಂತದಲ್ಲಿ 1934ರಲ್ಲಿ ದೇವದಾಸಿ ಸಂರಕ್ಷಣಾ ಕಾಯಿದೆ ಬಂದಿತು. ಅದಾಗಿ 35 ವರ್ಷಕ್ಕೆ ‘ಗೆಜ್ಜೆಪೂಜೆ’ ತೆರೆಗೆ ಬಂದಾಗಲೂ ರೂಢಿ ಅಳಿದಿರಲಿಲ್ಲ. ಕರ್ನಾಟಕವು 1982ರಲ್ಲಿ ಮತ್ತೊಂದು ಕಾಯಿದೆಯನ್ನು ತರಬೇಕಾಯಿತು. ಆ ಕಾಯಿದೆಗೆ ಚಿತ್ರವೇ ಕಾರಣವೆನ್ನುವುದು ಅತಿಶಯೋಕ್ತಿ. ಕಾಯಿದೆಯ ಭಾಷೆಯಲ್ಲಿ ‘ಸಮರ್ಪಣೆ’ ಎಂಬ ಒಂದು ಪದವಾಗಿ ಉಳಿದದ್ದಕ್ಕೆ ಚಂದ್ರಾಳ ಮುಖ ಬಂದಿತೆನ್ನುವುದು ಮಾತ್ರ ಸಲ್ಲುತ್ತದೆ.

ಚಿತ್ರದ ಚಂದ್ರಾ ಎಲ್ಲಮ್ಮನ ಗುಡ್ಡದವಳಲ್ಲ; ಆಕೆಯ ಮನೆ, ಮಾತು, ಉಡುಗೆಗಳೆಲ್ಲ ಹಳೆಯ ಮೈಸೂರಿನವು. ಗುಡ್ಡ ಹತ್ತಿದ ದಲಿತ ಬಾಲೆಯ ಬಡತನ ಆ ಮನೆಯಲ್ಲಿಲ್ಲ. ಪ್ರಶಸ್ತಿ ಕೊಟ್ಟವರೂ ಚಪ್ಪಾಳೆ ತಟ್ಟಿದವರೂ ಈ ಅಂತರವನ್ನು ಅಷ್ಟಾಗಿ ಎಣಿಸಲಿಲ್ಲ. ಎಣಿಸಬಲ್ಲವರು ಯಾರೆಂಬುದನ್ನು ಭರತನ ಪಟ್ಟಿ ಹೇಳುತ್ತದೆ. ಹತ್ತು ಪ್ರಾಶ್ನಿಕರ ನಡುವೆ ರಾಜನಿಗೂ ವೈಯಾಕರಣನಿಗೂ ಸರಿಸಮನಾಗಿ ಆತನು ವೇಶ್ಯೆಗೂ ಪೀಠ ಹಾಕಿಸಿದ್ದಾನೆ. ಇಂದಿನ ಪ್ರಶಸ್ತಿ ಸಮಿತಿಗಳಲ್ಲಿ ಅಂಥ ಪೀಠದ ಪದ್ಧತಿಯಿಲ್ಲ. ‘ಗೆಜ್ಜೆಪೂಜೆ’ಯನ್ನು ತರಗತಿಯಲ್ಲಿ ಪಾಠವಾಗಿ ಎತ್ತಿಕೊಳ್ಳುವ ಅಧ್ಯಾಪಕರು, ಚಂದ್ರಾಳ ಮರಣವನ್ನು ಕರುಣರಸದ ಲಕ್ಷಣಕ್ಕೆ ಹೊಂದಿಸಿ ವಿವರಿಸುವ ಮುನ್ನ, ಆ ಪೀಠದಲ್ಲಿ ಕುಳಿತವಳು ಆ ಕೊನೆಯನ್ನು ಒಪ್ಪುತ್ತಿದ್ದಳೇ, ಸಾವಲ್ಲದೆ ಮತ್ತೊಂದು ದಾರಿಯನ್ನು ಬೇಡುತ್ತಿದ್ದಳೇ ಎಂದು ಮಕ್ಕಳನ್ನು ಕೇಳಬಹುದು.