ಬುದ್ಧಿಯ ಬೆಳೆಗೆ ಒಡೆಯರಾರು?

ಸ್ವತ್ತು ಎಂದೊಡನೆ ನಮ್ಮ ಕಣ್ಣಿಗೆ ಕಟ್ಟುವುದು ಹೊಲ, ಮನೆ, ಒಡವೆ, ಹಣ ಮೊದಲಾದವು. ಇವುಗಳಿಗೆಲ್ಲ ಸಾಮಾನ್ಯವಾದ ಒಂದು ಲಕ್ಷಣವುಂಟು. ಒಬ್ಬರ ವಶದಲ್ಲಿರುವಾಗ ಇವು ಮತ್ತೊಬ್ಬರ ಉಪಯೋಗಕ್ಕೆ ಒದಗಲಾರವು. ನಮ್ಮ ಲೇಖನಿಯನ್ನು ಬೇರೊಬ್ಬರು ಕೊಂಡೊಯ್ದರೆ ನಾವು ಬರೆಯದೆ ಕುಳಿತಿರಬೇಕಾಗುತ್ತದೆ. ಆದರೆ ನಮಗೆ ತಿಳಿದ ಒಂದು ಲೆಕ್ಕದ ಕ್ರಮವನ್ನು ಗೆಳೆಯನಿಗೆ ಹೇಳಿಕೊಟ್ಟರೆ ನಮ್ಮ ತಿಳಿವಳಿಕೆಯು ಎಳ್ಳಷ್ಟೂ ಕಡಮೆಯಾಗುವುದಿಲ್ಲ. ಹೇಳಿಕೊಡುವಾಗ ಅದು ಇನ್ನಷ್ಟು ತಿಳಿಯಾಗುವುದೂ ಉಂಟು. ಅಮೆರಿಕದ ಅಧ್ಯಕ್ಷರಾಗಿದ್ದ ತಾಮಸ್ ಜೆಫರ್ಸನ್ ಅವರು 1813ರಲ್ಲಿ ಬರೆದ ಕಾಗದವೊಂದರಲ್ಲಿ ವಿಚಾರವನ್ನು ದೀಪಕ್ಕೆ ಹೋಲಿಸಿದ್ದಾರೆ. ಒಂದು ದೀಪದಿಂದ ಮತ್ತೊಂದನ್ನು ಹೊತ್ತಿಸಿಕೊಂಡರೆ ಮೊದಲನೆಯದು ಮಂಕಾಗುವುದಿಲ್ಲವಷ್ಟೆ. ವಿದ್ಯೆಯು ಕೊಟ್ಟಷ್ಟೂ ಬೆಳೆಯುವ ಧನವೆಂದು ನಮ್ಮ ಹಿರಿಯರೂ ಹೇಳುತ್ತ ಬಂದಿದ್ದಾರೆ.

ಹೀಗಿರುವಲ್ಲಿ, ಕಾದಂಬರಿಗೂ ಹಾಡಿಗೂ ಯಂತ್ರದ ಹೊಸ ರಚನೆಗೂ ಬಿತ್ತನೆಯ ತಳಿಗೂ ಒಡೆಯರುಂಟೆಂದು ಕಾನೂನು ಹೇಳುವುದು ಯಾವ ನ್ಯಾಯದಿಂದ? ಈ ಪ್ರಶ್ನೆಯನ್ನು ಇಲ್ಲಿ ಸಂಗ್ರಹವಾಗಿ ವಿವೇಚಿಸೋಣ. ಇದಕ್ಕಾಗಿ ನಾವು ಬಹುದೂರ ಹೋಗಬೇಕಾಗಿಲ್ಲ. ಬೋಪಾಲಿನಲ್ಲಿ ವಾಸಿಸುವ ಕನ್ನಡಿಗರಾದ ನಮಗೆ ಎರಡು ಉದಾಹರಣೆಗಳು ನಮ್ಮ ಅಹಮದಾಬಾದು ನಗರದಲ್ಲಿಯೇ ದೊರೆಯುತ್ತವೆ. ಮತ್ತೊಂದು ನಮ್ಮ ತಾಯ್ನಾಡಿನಲ್ಲಿ ದೊರೆಯುತ್ತದೆ.

ಮೊದಲು ಕೆಲವು ಪದಗಳ ಅರ್ಥವನ್ನು ತಿಳಿಯುವುದು ಲೇಸು. ಬುದ್ಧಿಯ ಶ್ರಮದಿಂದ ಹುಟ್ಟಿದ ಕೃತಿಯ ಮೇಲಿನ ಹಕ್ಕಿಗೆ ಬೌದ್ಧಿಕ ಸ್ವತ್ತಿನ ಹಕ್ಕು ಎಂದು ಹೆಸರು. ಇದರಲ್ಲಿ ಹಲವು ಬಗೆಗಳಿವೆ. ಗ್ರಂಥ, ನಾಟಕ, ಸಂಗೀತ ಮೊದಲಾದವುಗಳ ಮೇಲಿನದು ಗ್ರಂಥಸ್ವಾಮ್ಯ. ನಮ್ಮ ದೇಶದಲ್ಲಿ ಸಾಹಿತ್ಯಕೃತಿಯ ಮೇಲಿನ ಈ ಹಕ್ಕು ಕರ್ತೃವಿನ ಜೀವಿತಕಾಲವಿಡೀ ಇದ್ದು, ಅವರು ತೀರಿಕೊಂಡ ಬಳಿಕ 60 ವರ್ಷಗಳವರೆಗೆ ನಡೆಯುತ್ತದೆ. ಹೊಸ ಆವಿಷ್ಕಾರದ ಮೇಲಿನದು ಪೇಟೆಂಟ್. ಅದರ ಅವಧಿ 20 ವರ್ಷ. ಪಾಟಣದ ಪಟೋಲ, ಮೈಸೂರು ರೇಷ್ಮೆ ಎಂಬಂತಹ ಹೆಸರುಗಳನ್ನು ಆಯಾ ನಾಡಿನ ಉತ್ಪನ್ನಕ್ಕೇ ಮೀಸಲಾಗಿಡುವುದು ಭೌಗೋಳಿಕ ಸೂಚಿಯ ಹಕ್ಕು. ಇದು ಒಬ್ಬ ವ್ಯಕ್ತಿಗೆ ಸೇರಿದುದಲ್ಲ. ಒಂದು ಮಾತನ್ನು ಇಲ್ಲಿಯೇ ಗಮನಿಸಬೇಕು. ಗ್ರಂಥಸ್ವಾಮ್ಯವು ಬರೆದ ಮಾತಿಗೆ ಸಲ್ಲುತ್ತದೆ, ಅದರೊಳಗಿನ ವಿಚಾರಕ್ಕೆ ಸಲ್ಲುವುದಿಲ್ಲ. ಸತ್ಯವನ್ನು ನುಡಿಯಬೇಕೆಂಬ ವಿಚಾರವನ್ನು ಯಾರೂ ತಮ್ಮದೆಂದು ಬೇಲಿ ಹಾಕಲಾರರು.

ಇಂತಹ ಹಕ್ಕಿಗೆ ತತ್ತ್ವಜ್ಞರು ಕೊಟ್ಟಿರುವ ಸಮರ್ಥನೆಗಳು ಮುಖ್ಯವಾಗಿ ಮೂರು.

ಮೊದಲನೆಯದು ಶ್ರಮದ ವಾದ. ಇಂಗ್ಲೆಂಡಿನ ಜಾನ್ ಲಾಕ್ ಎಂಬ ತತ್ತ್ವಜ್ಞರು ಹದಿನೇಳನೆಯ ಶತಮಾನದ ಕೊನೆಯಲ್ಲಿ ಭೂಮಿಯ ಒಡೆತನವನ್ನು ಕುರಿತು ಹೀಗೆ ವಾದಿಸಿದರು: ಪ್ರಕೃತಿಯು ಎಲ್ಲರಿಗೂ ಸೇರಿದುದು, ಆದರೆ ಪ್ರತಿಯೊಬ್ಬನ ದೇಹವೂ ದುಡಿಮೆಯೂ ಅವನವನದೇ. ಆದುದರಿಂದ ಬೀಳುನೆಲದಲ್ಲಿ ತನ್ನ ದುಡಿಮೆಯನ್ನು ಬೆರೆಸಿ ಬೆಳೆ ತೆಗೆದವನಿಗೆ ಅದರ ಮೇಲೆ ಹಕ್ಕುಂಟು. ಮುಂದಿನವರು ಇದೇ ನ್ಯಾಯವನ್ನು ಬುದ್ಧಿಯ ದುಡಿಮೆಗೂ ಅನ್ವಯಿಸಿದರು. ಹತ್ತು ವರ್ಷ ಎಣ್ಣೆ ಸುಟ್ಟು ಒಬ್ಬರು ನಿಘಂಟನ್ನು ರಚಿಸಿದರೆ, ಮರುದಿನವೇ ಅದನ್ನು ಅಚ್ಚುಹಾಕಿ ಬೇರೊಬ್ಬರು ಹಣ ಮಾಡಿಕೊಳ್ಳುವುದು ಅನ್ಯಾಯವೆಂದು ನಮಗೂ ತೋರುವುದಿಲ್ಲವೆ? ಆದರೆ ಲಾಕ್ ಅವರು ಒಂದು ಷರತ್ತನ್ನೂ ಹಾಕಿದ್ದರು. ಒಬ್ಬನು ತನ್ನದಾಗಿಸಿಕೊಂಡ ಮೇಲೆಯೂ ಉಳಿದವರಿಗೆ ಸಾಕಷ್ಟು, ಅಷ್ಟೇ ಒಳ್ಳೆಯದು, ಉಳಿದಿರಬೇಕು. ಶ್ರಮದ ವಾದವನ್ನು ಹಿಡಿಯುವವರು ಈ ಷರತ್ತನ್ನು ಮರೆಯುವಂತಿಲ್ಲ.

ಈ ವಾದದ ಬಲವನ್ನೂ ಮಿತಿಯನ್ನೂ ಒಟ್ಟಿಗೆ ತೋರಿಸಿದ ಪ್ರಸಂಗವೊಂದು 2019ರಲ್ಲಿ ನಮ್ಮ ನಗರದ ನ್ಯಾಯಾಲಯದ ಮುಂದೆ ಬಂದಿತು. ಪೆಪ್ಸಿಕೋ ಎಂಬ ಕಂಪನಿಯು ಹುರಿದ ಚಿಪ್ಸಿಗೆ ಒಗ್ಗುವ, ನೀರಿನಂಶ ಕಡಮೆಯಿರುವ ಎಫ್‌ಸಿ 5 ಎಂಬ ಆಲೂಗೆಡ್ಡೆಯ ತಳಿಯನ್ನು 2016ರಲ್ಲಿ ತನ್ನ ಹೆಸರಿನಲ್ಲಿ ನೋಂದಾಯಿಸಿಕೊಂಡಿತ್ತು. ಗುಜರಾತಿನ ಕೆಲವು ರೈತರು ಅನುಮತಿಯಿಲ್ಲದೆ ಅದನ್ನು ಬೆಳೆದರೆಂದು ಕಂಪನಿಯು ದಾವೆ ಹೂಡಿ, ನಾಲ್ವರು ರೈತರಿಂದ ತಲಾ ಒಂದು ಕೋಟಿ ರೂಪಾಯಿಗೂ ಮಿಕ್ಕ ಪರಿಹಾರವನ್ನು ಕೇಳಿತು. ಅಲ್ಪಸ್ವಲ್ಪ ಭೂಮಿಯಲ್ಲಿ ದುಡಿಯುವವರಿಗೆ ಅದೆಂತಹ ಹೊರೆಯೆಂಬುದನ್ನು ನಾವು ಊಹಿಸಬಹುದು. ದೇಶದಲ್ಲಿ ದೊಡ್ಡ ಗದ್ದಲವೆದ್ದ ಮೇಲೆ ಕಂಪನಿಯು ಅದೇ ವರ್ಷದ ಮೇ ತಿಂಗಳಿನಲ್ಲಿ ದಾವೆಗಳನ್ನು ಹಿಂತೆಗೆದುಕೊಂಡಿತು.

ಶ್ರಮದ ವಾದವು ಇಲ್ಲಿ ಯಾರ ಪಕ್ಷದಲ್ಲಿ ನಿಲ್ಲುತ್ತದೆ? ಹೊಸ ತಳಿಯನ್ನು ಹೊರತರಲು ವಿಜ್ಞಾನಿಗಳು ಹಲವು ವರ್ಷ ದುಡಿಯಬೇಕೆಂಬುದು ನಿಜ. ಆದರೆ ಆಲೂಗೆಡ್ಡೆಯೆಂಬ ಬೆಳೆಯೇ ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳ ರೈತರು ಸಾವಿರಾರು ವರ್ಷ ಆರಿಸಿ, ಬಿತ್ತಿ, ಪಳಗಿಸಿದ ಫಲ. ಆ ಹೆಸರಿಲ್ಲದವರ ದುಡಿಮೆಯ ಮೇಲೆ ವಿಜ್ಞಾನಿಯ ದುಡಿಮೆ ನಿಂತಿದೆ. ಬಿತ್ತಿ ಬೆಳೆಯುವ ರೈತನ ದುಡಿಮೆ ಅದರ ಮೇಲೆ ನಿಂತಿದೆ. ನಮ್ಮ ದೇಶದ 2001ರ ಸಸ್ಯತಳಿ ಸಂರಕ್ಷಣೆ ಮತ್ತು ರೈತರ ಹಕ್ಕುಗಳ ಕಾಯಿದೆಯು ಈ ಎರಡು ದುಡಿಮೆಗಳನ್ನೂ ಮನ್ನಿಸಿದೆ. ತಳಿಯನ್ನು ಹೊರತಂದವರಿಗೆ ಹಕ್ಕನ್ನು ಕೊಟ್ಟಿರುವುದರ ಜೊತೆಗೆ, ರೈತನು ತನ್ನ ಬೆಳೆಯಿಂದ ಬಿತ್ತನೆಯನ್ನು ಉಳಿಸಿಕೊಳ್ಳಬಹುದು, ಮತ್ತೆ ಬಿತ್ತಬಹುದು, ನೆರೆಯವರೊಡನೆ ಹಂಚಿಕೊಳ್ಳಬಹುದು, ಮಾರಲೂಬಹುದು ಎಂದು ಅದು ಹೇಳುತ್ತದೆ. ಸಂರಕ್ಷಿತ ತಳಿಯ ಬೀಜವನ್ನು ಮುದ್ರೆಯೊತ್ತಿದ ಚೀಲದಲ್ಲಿ ಆ ತಳಿಯ ಹೆಸರಿನಿಂದ ಮಾತ್ರ ಮಾರಕೂಡದು. ದಾವೆಗಳು ಹಿಂದಕ್ಕೆ ಹೋದುದರಿಂದ ಈ ಮಾತು ಅವುಗಳಲ್ಲಿ ತೀರ್ಮಾನಕ್ಕೆ ಬರಲಿಲ್ಲ. ಮುಂದೆ ತಳಿಯ ನೋಂದಣಿಯನ್ನು ಸಂಬಂಧಪಟ್ಟ ಪ್ರಾಧಿಕಾರವು 2021ರ ಡಿಸೆಂಬರಿನಲ್ಲಿ ರದ್ದುಗೊಳಿಸಿತು. 2023ರಲ್ಲಿ ದೆಹಲಿಯ ಉಚ್ಚ ನ್ಯಾಯಾಲಯದ ಏಕಸದಸ್ಯ ಪೀಠವು ಅದನ್ನು ಒಪ್ಪಿತು. 2024ರ ಜನವರಿಯಲ್ಲಿ ಅದೇ ನ್ಯಾಯಾಲಯದ ವಿಭಾಗೀಯ ಪೀಠವು ಆ ರದ್ದತಿಯನ್ನು ತಳ್ಳಿಹಾಕಿತು. ನ್ಯಾಯಾಧೀಶರಲ್ಲಿಯೇ ಇಷ್ಟು ಅಭಿಪ್ರಾಯಭೇದವಿರುವ ವಿಷಯವು ಸರಳವಾದುದಲ್ಲವೆಂಬುದು ಇದರಿಂದ ವೇದ್ಯವಾಗುತ್ತದೆ.

ಎರಡನೆಯದು ವ್ಯಕ್ತಿತ್ವದ ವಾದ. ಜರ್ಮನಿಯ ಇಮ್ಯಾನುಯೆಲ್ ಕಾಂಟ್ ಅವರು 1785ರಲ್ಲಿ, ಗ್ರಂಥವೆಂಬುದು ಬರಿಯ ಕಾಗದದ ಕಟ್ಟಲ್ಲ, ಅದು ಕರ್ತೃವು ಲೋಕದೊಡನೆ ಆಡುವ ಮಾತು ಎಂದು ಪ್ರತಿಪಾದಿಸಿದರು. ಅವರ ಅಪ್ಪಣೆಯಿಲ್ಲದೆ ಅದನ್ನು ಅಚ್ಚುಹಾಕುವವನು ಅವರ ಬಾಯಿಂದ ಬಲವಂತವಾಗಿ ಮಾತಾಡಿಸಿದಂತೆ. ಅವರ ಬಳಿಕ ಬಂದ ಹೆಗೆಲ್ ಅವರು ಮನುಷ್ಯನು ತನ್ನ ಸಂಕಲ್ಪವನ್ನು ಹೊರಗಿನ ವಸ್ತುವಿನಲ್ಲಿ ಮೂಡಿಸುವುದೇ ಸ್ವತ್ತಿನ ಮೂಲವೆಂದರು. ನಮ್ಮ 1957ರ ಗ್ರಂಥಸ್ವಾಮ್ಯ ಕಾಯಿದೆಯಲ್ಲಿಯೂ ಈ ತತ್ತ್ವಕ್ಕೆ ಸ್ಥಾನವುಂಟು. ಕರ್ತೃವು ಹಕ್ಕನ್ನು ಮಾರಿಬಿಟ್ಟರೂ, ಕೃತಿ ತನ್ನದೆಂದು ಹೇಳಿಕೊಳ್ಳುವ ಅಧಿಕಾರವೂ ಅದನ್ನು ವಿಕಾರಗೊಳಿಸಿ ತನ್ನ ಮಾನಕ್ಕೆ ಕುಂದು ತಂದರೆ ತಡೆಯುವ ಅಧಿಕಾರವೂ ಅವರಲ್ಲಿ ಉಳಿಯುತ್ತವೆ.

ಆದರೆ ಕೃತಿಯಲ್ಲಿ ಕರ್ತೃವಿನದು ಎಷ್ಟು, ಪರಂಪರೆಯದು ಎಷ್ಟು? ಕನ್ನಡಿಗರಾದ ನಮಗೆ ಈ ಪ್ರಶ್ನೆಯನ್ನು ಡಾಕ್ಟರ್ ಶಿವರಾಮ ಕಾರಂತರ ಯಕ್ಷಗಾನವು ಎದುರಿಗೆ ತಂದಿಟ್ಟಿತು. ಯಕ್ಷಗಾನವು ಕರಾವಳಿಯ ಭಾಗವತರೂ ವೇಷಧಾರಿಗಳೂ ಮದ್ದಳೆಗಾರರೂ ತಲೆಮಾರುಗಳಿಂದ ಬೆಳೆಸಿದ ಕಲೆ. ಕಾರಂತರು ಅದರ ಹಾಡು, ಕುಣಿತ, ವೇಷಗಳನ್ನು ಆಳವಾಗಿ ಅಭ್ಯಾಸಮಾಡಿ, ತಮ್ಮ ಕಲ್ಪನೆಯಿಂದ ಹೊಸ ಬಗೆಯ ನೃತ್ಯರೂಪಕಗಳನ್ನು ನಿರ್ಮಿಸಿದರು. 1997ರಲ್ಲಿ ಅವರು ತೀರಿಕೊಂಡ ಮೇಲೆ, ಅವರ ಉಯಿಲಿನಿಂದ ಹಕ್ಕು ಪಡೆದವರಿಗೂ ಈ ರೂಪಕಗಳನ್ನು ಆಡಿಸುತ್ತಿದ್ದ ಮಣಿಪಾಲದ ಸಂಸ್ಥೆಗೂ ವ್ಯಾಜ್ಯವುಂಟಾಗಿ, ಅದು ಸರ್ವೋಚ್ಚ ನ್ಯಾಯಾಲಯದವರೆಗೆ ಹೋಯಿತು. 2009ರ ತೀರ್ಪು ಕಾರಂತರ ನಿರ್ಮಿತಿಯಲ್ಲಿ ಹಕ್ಕುಂಟೆಂಬುದನ್ನು ಮನ್ನಿಸಿತು. ಆದರೆ ಕಾಯಿದೆಯೇ ಅನುಮತಿಸಿರುವ ನ್ಯಾಯವಾದ ಬಳಕೆಗೆ ಆ ಹಕ್ಕು ಅಡ್ಡಿಯಾಗದೆಂದೂ ಸ್ಪಷ್ಟಪಡಿಸಿತು. ಹೀಗೆ, ಕಾರಂತರು ಹೊಸದಾಗಿ ಕಟ್ಟಿದುದು ಅವರದು. ಯಕ್ಷಗಾನವು ಮಾತ್ರ ಎಂದಿನಂತೆ ಎಲ್ಲರದು. ಅಭಿಮನ್ಯುವಿನ ಕಥೆಯನ್ನು ನಾಳೆ ಮತ್ತೊಬ್ಬರು ತಮ್ಮದೇ ರೀತಿಯಲ್ಲಿ ಆಡಿಸುವುದಕ್ಕೆ ಯಾರ ಅಪ್ಪಣೆಯೂ ಬೇಕಾಗಿಲ್ಲ.

ಮೂರನೆಯದು ಲೋಕಹಿತದ ವಾದ. ಇದು ಹಕ್ಕಿನ ಮೂಲವನ್ನು ಕರ್ತೃವಿನಲ್ಲಿ ಹುಡುಕದೆ ಸಮಾಜದ ಪ್ರಯೋಜನದಲ್ಲಿ ಹುಡುಕುತ್ತದೆ. ಬರೆಯುವವರಿಗೂ ಕಂಡುಹಿಡಿಯುವವರಿಗೂ ಜೀವನಾಧಾರವಿಲ್ಲದಿದ್ದರೆ ಹೊಸ ಕೃತಿಗಳು ಹುಟ್ಟುವುದು ಕಡಮೆಯಾಗುತ್ತದೆ. ಆದುದರಿಂದ ಸಮಾಜವು ಅವರಿಗೆ ಕೆಲವು ಕಾಲದವರೆಗೆ ಏಕಸ್ವಾಮ್ಯವನ್ನು ಕೊಟ್ಟು, ಆ ಕಾಲವು ಮುಗಿದ ಮೇಲೆ ಕೃತಿಯನ್ನು ಸರ್ವರ ಸ್ವತ್ತಾಗಿ ಪಡೆಯುತ್ತದೆ. ಬ್ರಿಟನ್ನಿನ 1710ರ ಕಾಯಿದೆಯು ಹೊಸ ಗ್ರಂಥಗಳಿಗೆ 14 ವರ್ಷಗಳ ಹಕ್ಕನ್ನೂ, ಕರ್ತೃವು ಬದುಕಿದ್ದರೆ ಮತ್ತೆ 14 ವರ್ಷಗಳನ್ನೂ ಕೊಟ್ಟಿತ್ತು. ನಮ್ಮ ದೇಶದಲ್ಲಿ ಮರಣಾನಂತರದ ಅವಧಿ ಮೊದಲು 50 ವರ್ಷವಾಗಿತ್ತು. ರವೀಂದ್ರನಾಥ ಠಾಕೂರರ ಕೃತಿಗಳ ಹಕ್ಕು 1991ರ ಕೊನೆಗೆ ಮುಗಿಯುವುದರಲ್ಲಿದ್ದಾಗ ಅವಧಿಯನ್ನು 60 ವರ್ಷಕ್ಕೆ ಏರಿಸಲಾಯಿತು. ಇಲ್ಲಿ ನಾವು ಕೇಳಬೇಕಾದ ಪ್ರಶ್ನೆಯೊಂದುಂಟು. ತೀರಿಕೊಂಡ ಕವಿಗೆ ಇನ್ನು ಹತ್ತು ವರ್ಷದ ಹಕ್ಕು ಹೊಸ ಕವಿತೆಯನ್ನು ಬರೆಯಲು ಪ್ರೇರಣೆಯಾಗುವುದುಂಟೆ? ಅವಧಿಯನ್ನು ಉದ್ದಮಾಡುವವರು ಲೋಕಹಿತದ ವಾದವೊಂದನ್ನೇ ನೆಚ್ಚಿದರೆ ಸಾಲದು.

ಈ ಮೂರು ವಾದಗಳೂ ಒಬ್ಬರ ಬಾಳಿನಲ್ಲಿ ಹೇಗೆ ಕೂಡಿಬಂದವೆಂಬುದನ್ನು ಮಹಾತ್ಮ ಗಾಂಧಿಯವರಲ್ಲಿ ಕಾಣಬಹುದು. 1910ರಲ್ಲಿ ಹಿಂದ್ ಸ್ವರಾಜ್ ಗ್ರಂಥವನ್ನು ಇಂಗ್ಲಿಷಿನಲ್ಲಿ ಪ್ರಕಟಿಸಿದಾಗ ಯಾವ ಹಕ್ಕನ್ನೂ ಕಾದಿರಿಸಿಲ್ಲವೆಂದು ಅದರಲ್ಲಿ ಅಚ್ಚುಹಾಕಿಸಿದ್ದರು. ತಮ್ಮ ಮಾತು ಎಲ್ಲರನ್ನೂ ಮುಟ್ಟಬೇಕೆಂಬುದೇ ಅವರ ಆಶಯವಾಗಿತ್ತು. ಆತ್ಮಕಥೆಯು ವಾರವಾರವೂ ನವಜೀವನ ಪತ್ರಿಕೆಯಲ್ಲಿ ಬರುತ್ತಿದ್ದಾಗಲೂ, ಗ್ರಂಥಸ್ವಾಮ್ಯವು ಸ್ವಾಭಾವಿಕವಾದುದಲ್ಲ, ಆಧುನಿಕ ಕಾಲದ ಏರ್ಪಾಡು, ಒಂದು ಮಿತಿಯವರೆಗೆ ಇಷ್ಟವಾದುದೂ ಆಗಿರಬಹುದು ಎಂಬುದೇ ಅವರ ಅಭಿಪ್ರಾಯವಾಗಿತ್ತು. ಆದರೆ ಕಾಲಕ್ರಮದಲ್ಲಿ ತಪ್ಪು ಅನುವಾದಗಳಿಂದ ತಮ್ಮ ಮಾತು ವಿಕಾರಗೊಳ್ಳುವ ಭಯವೂ, ತಮ್ಮ ಬರಹದಿಂದ ಬರುವ ಹಣವು ಲಾಭಕೋರರ ಪಾಲಾಗದೆ ಸಾರ್ವಜನಿಕ ಸೇವೆಗೆ ಸಲ್ಲಬೇಕೆಂಬ ಯೋಚನೆಯೂ ಅವರನ್ನು ಬೇರೆ ದಾರಿಗೆ ತಂದವು. 1940ರ ಉಯಿಲಿನಲ್ಲಿ ತಮ್ಮ ಬರಹಗಳ ಹಕ್ಕನ್ನು ತಮ್ಮ ಮಕ್ಕಳಿಗೆ ಬಿಡದೆ ಅಹಮದಾಬಾದಿನ ನವಜೀವನ ಸಂಸ್ಥೆಗೆ ಒಪ್ಪಿಸಿದರು.

ಇಲ್ಲಿ ಹಕ್ಕು ಇಲ್ಲವಾಗಲಿಲ್ಲ. ಅದರ ರೂಪವು ಬದಲಾಯಿತು. ಸಂಪತ್ತಿರುವವರು ತಮ್ಮನ್ನು ಅದರ ಧರ್ಮದರ್ಶಿಗಳೆಂದು ಭಾವಿಸಬೇಕೆಂದು ಗಾಂಧಿಯವರು ಬೋಧಿಸುತ್ತಿದ್ದರು. ಅದೇ ನ್ಯಾಯವನ್ನು ಅವರು ತಮ್ಮ ಮಾತಿಗೂ ಅನ್ವಯಿಸಿಕೊಂಡರು. ನವಜೀವನವು ಆತ್ಮಕಥೆಯನ್ನು ಅಲ್ಪಬೆಲೆಗೆ ಹಲವು ಭಾಷೆಗಳಲ್ಲಿ ಒದಗಿಸುತ್ತ ಬಂದಿದೆ. ಗೊರೂರು ರಾಮಸ್ವಾಮಿ ಅಯ್ಯಂಗಾರರು ಮಾಡಿದ ಕನ್ನಡ ಅನುವಾದವೂ ನಮ್ಮ ಈ ನಗರದಿಂದಲೇ ಕನ್ನಡನಾಡಿಗೆ ಹೋಯಿತೆಂಬುದು ನಮಗೆ ಹೆಮ್ಮೆಯ ಸಂಗತಿ. 2008ನೆಯ ಇಸವಿಯ ಕೊನೆಗೆ 60 ವರ್ಷಗಳ ಅವಧಿಯು ಮುಗಿದು, ಗಾಂಧಿಯವರು ತಮ್ಮ ಜೀವಿತಕಾಲದಲ್ಲಿ ಪ್ರಕಟಿಸಿದ ಬರಹಗಳು 2009ರ ಜನವರಿ 1ರಿಂದ ಸರ್ವರ ಸ್ವತ್ತಾದವು. ಇಂದು ಯಾರು ಬೇಕಾದರೂ ಅವನ್ನು ಅಚ್ಚುಹಾಕಬಹುದು. ನವಜೀವನವೂ ಅಚ್ಚುಹಾಕುತ್ತಲೇ ಇದೆ.

ಮೇಲಿನ ವಿವೇಚನೆಯಿಂದ ನಮಗೆ ತೋರುವುದಿಷ್ಟು. ಶ್ರಮ, ವ್ಯಕ್ತಿತ್ವ, ಲೋಕಹಿತ ಎಂಬ ಮೂರು ಆಧಾರಗಳಲ್ಲಿ ಪ್ರತಿಯೊಂದೂ ಹಕ್ಕನ್ನು ಕೊಡುವಾಗಲೇ ಅದಕ್ಕೊಂದು ಎಲ್ಲೆಯನ್ನೂ ಹಾಕುತ್ತದೆ. ದುಡಿದವನಿಗೆ ಫಲವುಂಟು, ಆದರೆ ಹಿಂದೆ ದುಡಿದವರ ಋಣವೂ ಉಂಟು. ಕರ್ತೃವಿನ ಹೆಸರಿಗೆ ಮಾನವುಂಟು. ಆದರೆ ಪರಂಪರೆಗೆ ಬೇಲಿ ಸಲ್ಲದು. ಸಮಾಜವು ಏಕಸ್ವಾಮ್ಯವನ್ನು ಕೊಡುತ್ತದೆ. ಆದರೆ ಕೆಲವು ಕಾಲಕ್ಕೆ ಮಾತ್ರ. ಎಲ್ಲೆಯಿಲ್ಲದ ಹಕ್ಕನ್ನು ಕೇಳುವವರಿಗೂ, ಹಕ್ಕೇ ಬೇಡವೆನ್ನುವವರಿಗೂ ಈ ಆಧಾರಗಳು ಪೂರ್ತಿಯಾಗಿ ಒಡಂಬಡುವುದಿಲ್ಲ.

ಇದು ಪಂಡಿತರಿಗೂ ವಕೀಲರಿಗೂ ಮಾತ್ರ ಸೇರಿದ ವಿಷಯವೆಂದು ವಿದ್ಯಾರ್ಥಿಗಳು ತಿಳಿಯಬಾರದು. ನಾವು ಪ್ರಬಂಧವನ್ನು ಬರೆಯುವಾಗ ಬೇರೊಬ್ಬರ ವಾಕ್ಯವನ್ನು ತೆಗೆದುಕೊಂಡರೆ ಅವರ ಹೆಸರನ್ನು ಹೇಳಬೇಕು. ಗ್ರಂಥಸ್ವಾಮ್ಯದ ಅವಧಿ ಮುಗಿದಿದ್ದರೂ ಈ ಧರ್ಮವು ಮುಗಿಯುವುದಿಲ್ಲ. ಅಂತರಜಾಲದಲ್ಲಿ ಸಿಕ್ಕಿತೆಂಬ ಮಾತ್ರಕ್ಕೆ ಒಂದು ಚಿತ್ರವೋ ಕವಿತೆಯೋ ನಮ್ಮದಾಗುವುದಿಲ್ಲ. ಹಾಗೆಂದು ಅತಿಯಾಗಿ ಹೆದರಲೂ ಬೇಕಾಗಿಲ್ಲ. ಶಾಲೆಯ ವಾರ್ಷಿಕೋತ್ಸವದಲ್ಲಿ ವಿದ್ಯಾರ್ಥಿಗಳೂ ಉಪಾಧ್ಯಾಯರೂ ನಾಟಕವನ್ನು ಆಡಿ, ಅದನ್ನು ಶಾಲೆಯವರೂ ಪೋಷಕರೂ ಮಾತ್ರ ನೋಡುವುದಾದರೆ ನಮ್ಮ ಕಾಯಿದೆಯು ಅದನ್ನು ಹಕ್ಕಿನ ಉಲ್ಲಂಘನೆಯೆಂದು ಎಣಿಸುವುದಿಲ್ಲ. ಪಾಠದ ಸಲುವಾಗಿ ಗುರುಗಳೂ ಶಿಷ್ಯರೂ ಗ್ರಂಥದ ಭಾಗವನ್ನು ಪ್ರತಿಮಾಡಿಕೊಳ್ಳುವುದಕ್ಕೂ ಅದರಲ್ಲಿ ಅವಕಾಶವುಂಟು. ಕಲಿಯುವವರಿಗಾಗಿ ಕಾನೂನು ಈ ಬಾಗಿಲನ್ನು ತೆರೆದಿಟ್ಟಿದೆ. ಅದರೊಳಗೆ ಹೋಗುವಾಗ ನಾಟಕ ಬರೆದವರ ಹೆಸರನ್ನು ರಂಗದ ಮೇಲಿಂದ ಗಟ್ಟಿಯಾಗಿ ಹೇಳುವುದು ನಮ್ಮ ಕರ್ತವ್ಯ.