ಮುಚ್ಚಿಟ್ಟ ಗಾಯ ಮಾಯದು

ಹುಕ್ಕೇರಿಯ ಸೀಮೆಯನ್ನು ಹಾಯ್ದು ಬರುವ ಘಟಪ್ರಭೆ ಗೋಕಾಕದ ಬಳಿ ಸುಮಾರು 170 ಅಡಿಗಳ ಆಳಕ್ಕೆ ಧುಮುಕುತ್ತಾಳೆ. ಬಂಡೆಗೆ ಅಪ್ಪಳಿಸಿದ ನೀರು ಅಲ್ಲಿಗೇ ಮುಗಿದುಹೋಗುವುದಿಲ್ಲ. ನೊರೆಯಾಗಿ ಚದುರಿದ್ದು ಮತ್ತೆ ಒಂದುಗೂಡಿ, ಮುಂದೆ ಮೂಡಲಗಿಯ ಕಡೆಯ ಹೊಲಗಳಿಗೆ ತಂಪನ್ನೆರೆಯುತ್ತದೆ. ಕೆಲವರ ಬಾಳೂ ಹೀಗೆಯೇ. ಬಿದ್ದ ಪೆಟ್ಟು ಅವರನ್ನು ನಿಲ್ಲಿಸುವುದಿಲ್ಲ. ಅವರು ಮತ್ತೊಬ್ಬರ ನೋವಿನ ಕಡೆಗೆ ಹರಿಯುತ್ತಾರೆ. ದಕ್ಷಿಣ ಆಫ್ರಿಕದ ಕ್ರೈಸ್ತ ಧರ್ಮಗುರು ಡೆಸ್ಮಂಡ್ ಟುಟು ಅಂಥವರಲ್ಲಿ ಒಬ್ಬರು.

ದಕ್ಷಿಣ ಆಫ್ರಿಕ ನಮಗೆ ಅಪರಿಚಿತವಾದ ನಾಡಲ್ಲ. 1893ರಲ್ಲಿ ವಕೀಲರಾಗಿ ಅಲ್ಲಿಗೆ ಹೋದ ಗಾಂಧೀಜಿ ಸತ್ಯಾಗ್ರಹದ ಮಾರ್ಗವನ್ನು ಕಂಡುಕೊಂಡದ್ದು ಆ ನೆಲದಲ್ಲಿಯೇ. ಅವರು ಭಾರತಕ್ಕೆ ಮರಳಿ, 1924ರಲ್ಲಿ ಬೆಳಗಾವಿಯ ಕಾಂಗ್ರೆಸ್ ಅಧಿವೇಶನದ ಅಧ್ಯಕ್ಷತೆಯನ್ನು ವಹಿಸುವ ಹೊತ್ತಿಗೂ ಅಲ್ಲಿನ ವರ್ಣದ್ವೇಷ ಅಳಿದಿರಲಿಲ್ಲ. 1948ರ ತರುವಾಯವಂತೂ ಅದು ಸರ್ಕಾರದ ನೀತಿಯೇ ಆಯಿತು. ಕರಿಯರು ಎಲ್ಲಿ ವಾಸಿಸಬೇಕು, ಯಾವ ಶಾಲೆಯಲ್ಲಿ ಕಲಿಯಬೇಕು, ಯಾವ ಬಾಗಿಲಿನಿಂದ ಒಳಗೆ ಹೋಗಬೇಕು ಎಂಬುದನ್ನು ಕಾನೂನು ಕಟ್ಟಳೆ ಮಾಡಿತು. ಬಹುಸಂಖ್ಯಾತರಾದ ಅವರಿಗೆ ದೇಶದ ಸಂಸತ್ತಿಗೆ ಮತ ಹಾಕುವ ಹಕ್ಕು ಇರಲಿಲ್ಲ.

ಡೆಸ್ಮಂಡ್ ಟುಟು ಹುಟ್ಟಿದ್ದು 1931ರ ಅಕ್ಟೋಬರ್ 7ರಂದು, ಕ್ಲರ್ಕ್ಸ್‌ಡಾರ್ಪ್ ಎಂಬ ಊರಿನಲ್ಲಿ. ತಂದೆ ಶಾಲೆಯ ಮುಖ್ಯೋಪಾಧ್ಯಾಯರು. ತಾಯಿ ಪರರ ಮನೆಗೆಲಸ ಮಾಡಿ ಸಂಸಾರಕ್ಕೆ ನೆರವಾಗುತ್ತಿದ್ದರು. ಕೂಸಾಗಿದ್ದಾಗಲೇ ಬಂದ ಪೋಲಿಯೊ ಬಲಗೈಯನ್ನು ಬಡಕಲಾಗಿಸಿತು. ಆ ಗುರುತು ಕೊನೆಯವರೆಗೂ ಉಳಿಯಿತು.

ಬಾಲ್ಯದಲ್ಲಿ ಕಂಡ ಒಂದು ದೃಶ್ಯವನ್ನು ಟುಟು ಎಂದೂ ಮರೆಯಲಿಲ್ಲ. ಒಮ್ಮೆ ಅವರು ತಾಯಿಯೊಡನೆ ನಿಂತಿದ್ದಾಗ, ನೀಳವಾದ ನಿಲುವಂಗಿಯನ್ನು ತೊಟ್ಟ ಬಿಳಿಯ ಪಾದ್ರಿಯೊಬ್ಬರು ಆ ದಾರಿಯಾಗಿ ಬಂದರು. ಅವರು ತಮ್ಮ ಟೋಪಿಯನ್ನು ತೆಗೆದು ಆ ತಾಯಿಗೆ ವಂದಿಸಿ ಮುಂದೆ ನಡೆದರು. ಬಿಳಿಯನೊಬ್ಬ ಕರಿಯ ಕೆಲಸದಾಕೆಗೆ ಗೌರವ ತೋರುವುದೆಂದರೆ ಆ ಕಾಲದಲ್ಲಿ ನಂಬಲಾಗದ ಸಂಗತಿ. ಆ ಪಾದ್ರಿಯೇ ಟ್ರೆವರ್ ಹಡಲ್‌ಸ್ಟನ್. ಮುಂದೆ ಟುಟು ಕ್ಷಯರೋಗಕ್ಕೆ ತುತ್ತಾಗಿ ಸುಮಾರು ಒಂದೂವರೆ ವರ್ಷ ಆಸ್ಪತ್ರೆಯಲ್ಲಿ ಮಲಗಬೇಕಾಯಿತು. ಆಗ ಹಡಲ್‌ಸ್ಟನ್ ತಪ್ಪದೆ ಬಂದು, ಪುಸ್ತಕಗಳನ್ನು ತಂದುಕೊಟ್ಟು, ಹಾಸಿಗೆಯ ಬದಿಯಲ್ಲಿ ಕುಳಿತು ಮಾತನಾಡುತ್ತಿದ್ದರು. ರೋಗಿಗೆ ಮದ್ದಿನಷ್ಟೇ ಮನುಷ್ಯರ ಸಾಮೀಪ್ಯವೂ ಬೇಕು ಎಂಬುದನ್ನು ಆ ಬಾಲಕ ಕಲಿತದ್ದು ಗ್ರಂಥದಿಂದಲ್ಲ, ಆ ಹಾಸಿಗೆಯಿಂದ.

ವೈದ್ಯನಾಗಬೇಕೆಂಬುದು ಟುಟು ಅವರ ಆಸೆ. ವೈದ್ಯಕೀಯ ಶಿಕ್ಷಣಕ್ಕೆ ಪ್ರವೇಶವೂ ದೊರೆಯಿತು, ಆದರೆ ಹಣವಿರಲಿಲ್ಲ. ಅವರು ತಂದೆಯಂತೆ ಉಪಾಧ್ಯಾಯರಾದರು. 1953ರಲ್ಲಿ ಕರಿಯರ ಮಕ್ಕಳಿಗೆ ಕೀಳುಮಟ್ಟದ ಶಿಕ್ಷಣವನ್ನು ವಿಧಿಸುವ ಕಾನೂನು ಬಂದಿತು. ಮಕ್ಕಳನ್ನು ದಾಸ್ಯಕ್ಕೆ ಸಿದ್ಧಗೊಳಿಸುವ ಆ ವ್ಯವಸ್ಥೆಯಲ್ಲಿ ಮುಂದುವರಿಯಲು ಮನಸ್ಸೊಪ್ಪದೆ ಅವರು ಕೆಲಸವನ್ನು ಬಿಟ್ಟರು. 1961ರಲ್ಲಿ ಆಂಗ್ಲಿಕನ್ ಚರ್ಚಿನ ಪಾದ್ರಿಯಾದರು. ಲಂಡನ್ನಿನಲ್ಲಿ ಹೆಚ್ಚಿನ ವ್ಯಾಸಂಗ ಮಾಡಿದರು. 1986ರಲ್ಲಿ ಕೇಪ್‌ಟೌನಿನ ಆರ್ಚ್‌ಬಿಷಪ್ ಪದವಿಗೇರಿದ ಮೊದಲ ಕರಿಯರೆನಿಸಿದರು.

ಟುಟು ಗಿಡ್ಡ ಆಳು. ಆದರೆ ಮಾತಿಗೆ ನಿಂತರೆ ಸಭೆಯೇ ಅವರ ಕೈವಶ. ನಗಿಸುತ್ತ ನಗಿಸುತ್ತಲೇ ಜನರ ಕಣ್ಣನ್ನು ತೆರೆಸುವ ವಾಗ್ಮಿ ಅವರು. ಮನುಷ್ಯ ಮನುಷ್ಯನಾಗುವುದು ಇತರರ ಮೂಲಕವೇ ಎಂಬ ಆಫ್ರಿಕದ ಹಳೆಯ ತಿಳಿವಿಗೆ ‘ಉಬುಂಟು’ ಎಂದು ಹೆಸರು; ಅವರ ಮಾತಿನ ತಿರುಳು ಇದೇ ಆಗಿತ್ತು. ವರ್ಣಭೇದದ ವಿರುದ್ಧ ನಡೆಸಿದ ಅಹಿಂಸಾತ್ಮಕ ಹೋರಾಟಕ್ಕಾಗಿ 1984ರಲ್ಲಿ ನೊಬೆಲ್ ಶಾಂತಿ ಪಾರಿತೋಷಕ ಅವರಿಗೆ ಸಂದಿತು. ಅವರ ಅಹಿಂಸೆ ಕೇವಲ ಮಾತಿನದಾಗಿರಲಿಲ್ಲ. 1985ರಲ್ಲಿ ಡುಡುಜ ಎಂಬಲ್ಲಿ ಶವಸಂಸ್ಕಾರಕ್ಕೆ ನೆರೆದ ಜನ, ಪೊಲೀಸರ ಗೂಢಚಾರನೆಂಬ ಶಂಕೆಯಿಂದ ಒಬ್ಬನನ್ನು ಹಿಡಿದು ಸುಡಲು ಮುಂದಾದರು. ಟುಟು ಆ ಉದ್ರಿಕ್ತ ಗುಂಪಿನೊಳಗೆ ನುಗ್ಗಿ ಅವನನ್ನು ಉಳಿಸಿದರು. ಶತ್ರುವಿನ ಹಿಂಸೆಯಷ್ಟೇ ತಮ್ಮವರ ಹಿಂಸೆಯೂ ಅವರಿಗೆ ಹೇಯವಾಗಿತ್ತು.

1994ರ ಏಪ್ರಿಲ್ ತಿಂಗಳಲ್ಲಿ ದಕ್ಷಿಣ ಆಫ್ರಿಕದ ಎಲ್ಲ ಜನರೂ ಮತ ಹಾಕಿದರು. ಟುಟು ತಮ್ಮ 62ನೆಯ ವಯಸ್ಸಿನಲ್ಲಿ ಮೊದಲ ಸಲ ಮತದಾನ ಮಾಡಿದರು. ನೆಲ್ಸನ್ ಮಂಡೇಲಾ ರಾಷ್ಟ್ರಾಧ್ಯಕ್ಷರಾದರು. ಆದರೆ ನಡೆದುಹೋದ ಕೊಲೆ, ಹಿಂಸೆಗಳನ್ನು ಏನು ಮಾಡಬೇಕು? ಸೇಡು ತೀರಿಸಿಕೊಂಡರೆ ದೇಶ ಒಡೆಯುತ್ತದೆ. ಮರೆತುಬಿಟ್ಟರೆ ನೊಂದವರಿಗೆ ಎರಡನೆಯ ಸಲ ಅನ್ಯಾಯವಾಗುತ್ತದೆ. ಈ ಇಕ್ಕಟ್ಟಿನಿಂದ ಹುಟ್ಟಿದ್ದು ‘ಸತ್ಯ ಮತ್ತು ಸಂಧಾನ ಆಯೋಗ’. ಟುಟು ಅದರ ಅಧ್ಯಕ್ಷರಾದರು. ರಾಜಕೀಯ ಕಾರಣಕ್ಕಾಗಿ ಅಪರಾಧ ಮಾಡಿದವರು ಪೂರ್ಣ ಸತ್ಯವನ್ನು ಬಹಿರಂಗವಾಗಿ ಹೇಳಿದರೆ ಮಾತ್ರ ಕ್ಷಮಾದಾನ ದೊರೆಯಬಹುದಾಗಿತ್ತು. ಏಳು ಸಾವಿರಕ್ಕೂ ಹೆಚ್ಚು ಅರ್ಜಿಗಳು ಬಂದವು. ಅವುಗಳಲ್ಲಿ ಬಹುಪಾಲು ತಿರಸ್ಕೃತವಾದವು. ನೊಂದವರಿಂದ 21,000ಕ್ಕೂ ಹೆಚ್ಚು ಹೇಳಿಕೆಗಳು ದಾಖಲಾದವು. 1996ರ ಏಪ್ರಿಲ್‌ನಲ್ಲಿ ನಡೆದ ಮೊದಲ ವಿಚಾರಣೆಗಳಲ್ಲಿಯೇ, ಚಿತ್ರಹಿಂಸೆಗೆ ಒಳಗಾದ ವೃದ್ಧನೊಬ್ಬನ ಮಾತನ್ನು ಕೇಳುತ್ತಿದ್ದ ಟುಟು ಮೇಜಿನ ಮೇಲೆ ತಲೆಯಿಟ್ಟು ಅತ್ತುಬಿಟ್ಟರು.

ಈ ಕಾರ್ಯ ಇನ್ನೂ ನಡುವೆ ಇರುವಾಗಲೇ, 1997ರ ಜನವರಿಯಲ್ಲಿ, ಟುಟು ಅವರಿಗೆ ಪ್ರಾಸ್ಟೇಟ್ ಗ್ರಂಥಿಯ ಕ್ಯಾನ್ಸರ್ ಇರುವುದು ತಿಳಿಯಿತು. ಆಗ ಅವರ ವಯಸ್ಸು 65. ಕ್ಯಾನ್ಸರ್ ಎಂದರೆ ದೇಹದ ಜೀವಕೋಶಗಳು ಮಿತಿಮೀರಿ ಬೆಳೆಯುವ ರೋಗ. ಒಳಗೊಳಗೇ ಬೆಳೆಯುವುದು ಅದರ ಸ್ವಭಾವ. ಬೇಗ ಗೊತ್ತಾದಷ್ಟೂ ಗುಣವಾಗುವ ಸಂಭವ ಹೆಚ್ಚು. ಆದರೂ ಆ ರೋಗದ ಹೆಸರನ್ನು ಬಾಯಲ್ಲಿ ಹೇಳಲೂ ಅಂಜಿ, ನೆರೆಹೊರೆಗೆ ತಿಳಿಯದಂತೆ ಬಚ್ಚಿಡುವ ಮನೆಗಳು ಎಲ್ಲ ದೇಶಗಳಲ್ಲಿಯೂ ಇವೆ. ಟುಟು ಬಚ್ಚಿಡಲಿಲ್ಲ. ತಮ್ಮ ರೋಗವನ್ನು ದೇಶಕ್ಕೆಲ್ಲ ತಿಳಿಸಿದರು. ದೇಶದ ಗಾಯವನ್ನು ತೆರೆದು ತೋರಿಸಿರೆಂದು ಜನರನ್ನು ಕೇಳಿಕೊಂಡವರು ತಮ್ಮ ಗಾಯವನ್ನು ಮುಚ್ಚಿಡುವುದೆಂತು?

ಅವರು ಚಿಕಿತ್ಸೆಗಾಗಿ ಅಮೆರಿಕಕ್ಕೂ ಹೋಗಿಬಂದರು. ಆದರೆ ಆಯೋಗದ ಹೊಣೆಯನ್ನು ಬಿಡಲಿಲ್ಲ. ತಾವೂ ಗಾಯಗೊಂಡವರೆಂಬ ಅರಿವು ನೊಂದವರ ಹತ್ತಿರಕ್ಕೆ ಅವರನ್ನು ಮತ್ತಷ್ಟು ತಂದಿತು. ಸಾವು ಸಮೀಪಕ್ಕೆ ಬಂದು ಹೋದಾಗ, ದ್ವೇಷಕ್ಕೆ, ಸಣ್ಣತನಕ್ಕೆ ಬಾಳಿನಲ್ಲಿ ಸಮಯವೇ ಇಲ್ಲವೆಂಬುದು ಅವರಿಗೆ ಮನವರಿಕೆಯಾಯಿತು. ಈ ಅನುಭವವನ್ನು ಅವರು 1999ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ನಿವೇದಿಸಿಕೊಂಡಿದ್ದಾರೆ.

ಆಯೋಗದ ಕಾರ್ಯವನ್ನು ಎಲ್ಲರೂ ಒಪ್ಪಿದರೆಂದಲ್ಲ. ಪೊಲೀಸರ ವಶದಲ್ಲಿ ಮಡಿದ ಹೋರಾಟಗಾರ ಸ್ಟೀವ್ ಬೀಕೋ ಅವರ ಮನೆಯವರು, ಕೊಂದವರಿಗೆ ಕ್ಷಮೆಯಲ್ಲ, ಶಿಕ್ಷೆಯೇ ನ್ಯಾಯವೆಂದು ನ್ಯಾಯಾಲಯದ ಮೆಟ್ಟಿಲೇರಿದರು. ಅವರ ಮಾತನ್ನು ಸುಲಭವಾಗಿ ತಳ್ಳಿಹಾಕುವಂತಿಲ್ಲ. 1998ರ ಅಕ್ಟೋಬರ್‌ನಲ್ಲಿ ಆಯೋಗದ ವರದಿ ಸಿದ್ಧವಾದಾಗ, ಬಿಳಿಯರ ಸರ್ಕಾರದ ಕ್ರೌರ್ಯದೊಂದಿಗೆ ವಿಮೋಚನಾ ಹೋರಾಟಗಾರರ ತಪ್ಪುಗಳೂ ಅದರಲ್ಲಿ ದಾಖಲಾಗಿದ್ದವು. ಆಳುವ ಪಕ್ಷ ಅದರ ಪ್ರಕಟಣೆಯನ್ನು ತಡೆಯಲು ಯತ್ನಿಸಿತು. ಟುಟು ಜಗ್ಗಲಿಲ್ಲ. ವರದಿ ಮಂಡೇಲಾ ಅವರ ಕೈ ಸೇರಿತು.

ಕ್ಯಾನ್ಸರ್ ಅವರನ್ನು ಪೂರ್ತಿಯಾಗಿ ಬಿಟ್ಟುಹೋಗಲಿಲ್ಲ, ಮತ್ತೆ ಮರುಕಳಿಸಿತು. ಅವರೂ ಮತ್ತೆ ಮತ್ತೆ ಚಿಕಿತ್ಸೆ ಪಡೆದು ಎದ್ದರು. ರೋಗ ತಿಳಿದ ಮೇಲೆ ಇನ್ನೂ 24 ವರ್ಷಗಳ ಕಾಲ ಬಾಳಿ, ದೇಶದೇಶಗಳನ್ನು ಸುತ್ತಿ, ಎಳೆಯರಿಗೆ ಧೈರ್ಯ ಹೇಳಿದರು. ಕ್ಷಯರೋಗದ ಸಂಶೋಧನೆಗಾಗಿ ಸ್ಟೆಲೆನ್‌ಬಾಶ್ ವಿಶ್ವವಿದ್ಯಾನಿಲಯದಲ್ಲಿರುವ ಕೇಂದ್ರಕ್ಕೆ, ಒಮ್ಮೆ ಆ ರೋಗದಿಂದ ನರಳಿದ ಟುಟು ಅವರ ಹೆಸರನ್ನೇ ಇಡಲಾಗಿದೆ. ಭಾರತ ಸರ್ಕಾರ 2005ನೆಯ ಸಾಲಿನ ಗಾಂಧಿ ಶಾಂತಿ ಪ್ರಶಸ್ತಿಯನ್ನು ನೀಡಿ ಅವರನ್ನು ಗೌರವಿಸಿತು.

2021ರ ಡಿಸೆಂಬರ್ 26ರಂದು, ತಮ್ಮ 90ನೆಯ ವಯಸ್ಸಿನಲ್ಲಿ, ಟುಟು ಕೇಪ್‌ಟೌನಿನಲ್ಲಿ ನಿಧನ ಹೊಂದಿದರು. ಅವರ ಇಚ್ಛೆಯಂತೆ, ಹಗ್ಗದ ಹಿಡಿಕೆಗಳ ಸಾದಾ ಮರದ ಪೆಟ್ಟಿಗೆಯೊಂದರಲ್ಲಿ ಅವರ ದೇಹವನ್ನಿರಿಸಲಾಗಿತ್ತು. ವೈದ್ಯನಾಗಬೇಕೆಂದು ಬಯಸಿದ ಬಡ ಬಾಲಕ ವೈದ್ಯನಾಗಲಿಲ್ಲ. ಆದರೆ ಮುಚ್ಚಿಟ್ಟ ಗಾಯ ಮಾಯುವುದಿಲ್ಲವೆಂಬುದನ್ನು ತನ್ನ ದೇಹದಿಂದಲೂ ತನ್ನ ದೇಶದಿಂದಲೂ ಅರಿತು, ಲೋಕಕ್ಕೆ ತಿಳಿಸಿಹೋದ.