ರಿಯೋಹಾಕ್ಕೆ ಹೊರಟ ಮಗಳಿಗೆ

ಮಗಳೇ, ಆಫೀಸಿನ ಕೆಲಸದ ಮೇಲೆ ಅಕ್ಟೋಬರಿನಲ್ಲಿ ಸ್ಪೇನಿನ ಬಿಲ್ಬಾವೊಕ್ಕೆ ಹೊರಟಿದ್ದೀಯಂತೆ. ರಜೆಯ ಒಂದು ದಿನ ಗೆಳತಿಯರ ಜೊತೆ ರಿಯೋಹಾ ಎಂಬ ವೈನ್ ಸೀಮೆ ನೋಡುವ ಆಸೆಯಿದೆ, ದೊಡ್ಡಪ್ಪನ ಕಿವಿಗೆ ಬೀಳಬಾರದು ಎಂದು ನಿಮ್ಮ ದೊಡ್ಡವ್ವನಿಗೆ ಫೋನಿನಲ್ಲಿ ಪಿಸುಗುಟ್ಟಿದೆಯಂತೆ. ಆಕೆ ಅವತ್ತೇ ಸಂಜೆ ಚಹಾ ಕೊಡುತ್ತ ಎಲ್ಲ ಹೇಳಿಬಿಟ್ಟಳು. ಮುಜುಗರ ಬಿಡು. ಕೊರಳಲ್ಲಿ ಲಿಂಗ ಕಟ್ಟಿಕೊಂಡು, ಎಪ್ಪತ್ತು ದಾಟಿದರೂ ಒಂದು ಹನಿ ಹೆಂಡ ಮುಟ್ಟದ ನಾನೇ ಆ ಸೀಮೆಗೆ ಎರಡು ಸಲ ಹೋಗಿ ಬಂದಿದ್ದೇನೆ. ನಿಮ್ಮಣ್ಣ ಅಲ್ಲಿ ಕೆಲಸದಲ್ಲಿದ್ದಾಗಿನ ಮಾತು. ಊರಲ್ಲಿ ಯಾರಿಗೂ ಹೇಳಿರಲಿಲ್ಲ, ಅಷ್ಟೇ.

ಮೊದಲ ಸಲ ದೊಡ್ಡ ಬಸ್ಸು ಹತ್ತಿ ಕೆಟ್ಟೆ. ನಲವತ್ತು ಜನ, ಒಂದೇ ದಿನ ಮೂರು ಬೊದೇಗಾ. ಬೊದೇಗಾ ಎಂದರೆ ಅವರು ವೈನ್ ಮಾಡಿ ಇಡುವ ಮನೆ. ಬಾಗಿಲಲ್ಲಿ ಇಳಿಸುವುದು, ಕುರಿಗಳನ್ನು ಹಟ್ಟಿಗೆ ಹೊಡೆದಂತೆ ಒಳಗೆ ಹೊಡೆಯುವುದು, ಉಕ್ಕಿನ ಟ್ಯಾಂಕು ತೋರಿಸುವುದು, ಕುಡಿಸುವುದು, ಅಂಗಡಿಯೊಳಗೆ ಬಿಟ್ಟು ಮತ್ತೆ ಹೊಡೆದುಕೊಂಡು ಬಸ್ಸಿಗೆ ತುಂಬುವುದು. ಮೂರನೆಯ ಕಡೆ ಹೊತ್ತಿಗೆ ಅರ್ಧ ಜನ ಹಾಡುತ್ತಿದ್ದರು, ಉಳಿದರ್ಧ ಗೊರಕೆ. ಸೀಮೆಯ ತುಂಬ ದ್ರಾಕ್ಷಿಯಿದ್ದರೂ ಒಂದು ಬಳ್ಳಿಯನ್ನೂ ಮುಟ್ಟಲಿಲ್ಲ ನಾನು. ಎರಡನೆಯ ಸಲ ನಿಮ್ಮಣ್ಣ ಎಂಟು ಜನರ ವ್ಯಾನು ಹುಡುಕಿದ. ದುಡ್ಡು ಹೆಚ್ಚು, ನಿಜ. ಆದರೆ ಎಂಟು ಜನರಿದ್ದರೆ ಗೈಡು ನಿನ್ನ ಪ್ರಶ್ನೆಗೆ ನಿಂತು ಉತ್ತರ ಹೇಳುತ್ತಾಳೆ, ಹೊಲದ ಬದುವಿನ ಮೇಲೆ ಗಾಡಿ ನಿಲ್ಲಿಸು ಎಂದರೆ ನಿಲ್ಲಿಸುತ್ತಾರೆ. ಕಾಯ್ದಿರಿಸುವ ಮೊದಲು ಎರಡೇ ಮಾತು ಕೇಳು: ದಿನಕ್ಕೆ ಎಷ್ಟು ಬೊದೇಗಾ, ತೋಟದೊಳಗೆ ಕಾಲಿಡಲು ಬಿಡುತ್ತಾರೋ ಇಲ್ಲವೋ. ಎರಡಕ್ಕಿಂತ ಹೆಚ್ಚು ಬೊದೇಗಾ ಇದ್ದರೆ ಬೇಡವೆನ್ನು. ಬೆಳಿಗ್ಗೆ ಹೇಳಿದ ಹೊತ್ತಿಗೆ ಹತ್ತು ನಿಮಿಷ ಮೊದಲೇ ಹೋಗಿ ನಿಲ್ಲು. ದೊಡ್ಡ ಬಸ್ಸಿನಲ್ಲಿ ಒಬ್ಬರು ತಡಮಾಡಿದರೆ ಯಾರಿಗೂ ಗೊತ್ತಾಗುವುದಿಲ್ಲ, ಎಂಟರಲ್ಲಿ ಒಬ್ಬರು ತಡಮಾಡಿದರೆ ಏಳು ಜೋಡಿ ಕಣ್ಣು ಆ ದಿನವಿಡೀ ನಿನ್ನ ಮೇಲೆ.

ಸಾಧ್ಯವಾದರೆ ವಿತೋರಿಯಾ ಮೇಲಿಂದ ಎರ್ರೆರಾ ಘಟ್ಟ ಹತ್ತಿ ಇಳಿಯುವ ದಾರಿ ಹಿಡಿಯಲು ಹೇಳು. ಬಿಲ್ಬಾವೊ ಕಡೆಯೆಲ್ಲ ನಮ್ಮ ಮಲೆನಾಡಿನಂತೆ ಹಸಿರು, ಜಿಟಿಜಿಟಿ ಮಳೆ. ಘಟ್ಟದ ನೆತ್ತಿಗೆ ಬಂದು ಆಚೆ ಇಣುಕಿದರೆ ಬೇರೆಯದೇ ದೇಶ. ಕೆಳಗೆ ಎಬ್ರೊ ಹೊಳೆಯ ಬಯಲು, ಕಣ್ಣು ಹೋದಷ್ಟು ದ್ರಾಕ್ಷಿ, ಕೆಂಪು-ಬಿಳಿ ಮಣ್ಣು, ಒಣ ಗಾಳಿ. ಅಟ್ಲಾಂಟಿಕ್ ಸಮುದ್ರದ ಮೋಡವನ್ನು ಕಾಂತಾಬ್ರಿಯಾ ಬೆಟ್ಟಸಾಲು ಆಚೆಯೇ ತಡೆದು ನಿಲ್ಲಿಸುತ್ತದೆ. ಘಟ್ಟದ ಈಚೆ ಮಳೆಯ ನೆರಳಿನಲ್ಲಿ ಬಾಳುವ ವಿಜಯಪುರದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅಲ್ಲಿ ನಿಂತಾಗಲೇ ನನಗೆ ಅನಿಸಿದ್ದು, ನಾನು ಪರದೇಶಕ್ಕೆ ಬಂದಿಲ್ಲ, ಬೀಗರ ಹೊಲಕ್ಕೆ ಬಂದಿದ್ದೇನೆ ಎಂದು.

ಅದಕ್ಕೇ ಹೇಳುವುದು, ಗ್ಲಾಸು ಮುಟ್ಟುವ ಮೊದಲು ಬಳ್ಳಿ ಮುಟ್ಟು. ನೀನು ದ್ರಾಕ್ಷಿ ಪಡದ ಮನೆಯಲ್ಲಿ ಹುಟ್ಟಿದವಳು. ಉಳಿದ ಏಳು ಜನ ವೈನ್ ಹೇಗಿದೆ ಎಂದು ಕೇಳುತ್ತಾರೆ. ನೀನು ಕೇಳಬೇಕಾದದ್ದು ಬೇರೆ.

ನೋಡು, ನಮ್ಮ ಪಡದಲ್ಲಿ ಬಳ್ಳಿಯನ್ನು ತಂತಿಯ ಮೇಲೆ ಹಬ್ಬಿಸಿ ಆಳೆತ್ತರಕ್ಕೆ ಚಪ್ಪರ ಕಟ್ಟುತ್ತೇವೆ. ಅಲ್ಲಿಯ ಹಳೆಯ ಬಳ್ಳಿಗೆ ತಂತಿಯೂ ಇಲ್ಲ, ಚಪ್ಪರವೂ ಇಲ್ಲ. ಮೊಣಕಾಲೆತ್ತರದ ಬುಡ, ಅದರಿಂದ ಕೈಬೆರಳು ಅಗಲಿಸಿದಂತೆ ನಾಲ್ಕಾರು ಕವಲು. ಈ ಪದ್ಧತಿಗೆ ಅವರು 'ವಾಸೊ' ಎನ್ನುತ್ತಾರೆ, ಬಟ್ಟಲು ಎಂದು ಅರ್ಥ. ನಾವು ಥಾಮ್ಸನ್ ಸೀಡ್‌ಲೆಸ್ ಕಾಯಿಯನ್ನು ಜಿ.ಎ. ಹಾರ್ಮೋನಿನಲ್ಲಿ ಅದ್ದಿ ಅದ್ದಿ ಉಬ್ಬಿಸುತ್ತೇವಲ್ಲ, ಅವರ ತೆಂಪ್ರಾನಿಯೊ ಕಾಯಿ ದಪ್ಪವಾದರೆ ಅವರಿಗೆ ನಷ್ಟ! ಬಣ್ಣ, ಒಗರು, ಪರಿಮಳ ಎಲ್ಲ ಇರುವುದು ಸಿಪ್ಪೆಯಲ್ಲಿ. ಕಾಯಿ ಸಣ್ಣದಿದ್ದಷ್ಟು ರಸಕ್ಕೆ ಸಿಪ್ಪೆ ಹೆಚ್ಚು. ಹಿಸುಕಿದರೆ ಕೆಂಪು ದ್ರಾಕ್ಷಿಯ ರಸವೂ ಬಹುಮಟ್ಟಿಗೆ ಬಿಳಿಯೇ. ಸಿಪ್ಪೆಯ ಜೊತೆ ಹುದುಗಿದ ಮೇಲೆಯೇ ಅದಕ್ಕೆ ಕೆಂಪು. ಇಳುವರಿಗೂ ಕಾಯಿದೆಯಿದೆ. ಕೆಂಪು ದ್ರಾಕ್ಷಿ ಹೆಕ್ಟೇರಿಗೆ 6,500 ಕಿಲೋ ಎಂಬುದು ರಿಯೋಹಾದ ಕಟ್ಟಳೆ. ನಮ್ಮ ಲೆಕ್ಕಕ್ಕೆ ಎಕರೆಗೆ ಎರಡೂವರೆ ಟನ್ನಿನ ಮೇಲೆ ಸ್ವಲ್ಪ. ಅಷ್ಟೇ ಬಂದರೆ ನಿಮ್ಮಪ್ಪ ಪಡ ಕಿತ್ತು ಕಬ್ಬು ಹಾಕುತ್ತಿದ್ದ. ಅಲ್ಲಿ ಹೆಚ್ಚು ಬೆಳೆದವನೇ ತಪ್ಪಿತಸ್ಥ. ಈ ಮಾತು ಕೇಳಿ ಗೈಡಿನ ಮುಖ ನೋಡುತ್ತ ನಿಂತುಬಿಟ್ಟಿದ್ದೆ.

ಬಳ್ಳಿಯ ಬುಡದಲ್ಲಿ ಕಸಿಯ ಗಂಟು ಕಂಡರೆ ಅದನ್ನೂ ಮುಟ್ಟಿ ನೋಡು. 1860ರ ದಶಕದಲ್ಲಿ ಅಮೆರಿಕದಿಂದ ಬಂದ ಫಿಲೊಕ್ಸೆರಾ ಎಂಬ ಹೇನು ಫ್ರಾನ್ಸಿನ ಬಳ್ಳಿಗಳ ಬೇರು ತಿಂದು ಸೀಮೆಗಟ್ಟಲೆ ಒಣಗಿಸಿತು. ವೈನಿಲ್ಲದ ಬೋರ್ಡೋ ವ್ಯಾಪಾರಿಗಳು ಬೆಟ್ಟ ದಾಟಿ ರಿಯೋಹಾಕ್ಕೆ ಬಂದರು. ಆರೊ ಎಂಬ ಊರಿಗೆ ಆಗಲೇ ರೈಲು ಬಂದಿತ್ತು. ಸ್ಟೇಷನ್ನಿನ ಸುತ್ತಲೇ ಬೊದೇಗಾಗಳು ಎದ್ದವು. ಇವತ್ತಿಗೂ ಆ ಓಣಿಗೆ ಸ್ಟೇಷನ್ ಓಣಿ ಎಂದೇ ಹೆಸರು. ಆಮೇಲೆ ಆ ಹೇನು ರಿಯೋಹಾಕ್ಕೂ ಬಂತು ಅನ್ನು. ಕೊನೆಗೆ ಔಷಧ ಸಿಕ್ಕಿದ್ದು ರೋಗ ಬಂದ ಕಡೆಯಿಂದಲೇ. ಅಮೆರಿಕದ ಕಾಡುಬಳ್ಳಿಯ ಬೇರು, ಅದರ ಮೇಲೆ ತಮ್ಮ ಕಡ್ಡಿಯ ಕಸಿ. ನಮ್ಮ ಪಡದಲ್ಲಿ ಉಪ್ಪುನೀರು ತಡೆಯಲಿ, ಬರ ತಡೆಯಲಿ ಎಂದು ಹಾಕಿರುವ ಡಾಗ್‌ರಿಡ್ಜ್ ಬೇರೂ ಅದೇ ಅಮೆರಿಕದ ಕುಲದ್ದು. ಮಣ್ಣಿನ ಕೆಳಗೆ ಅವರೂ ನಾವೂ ನೆಂಟರೇ.

ಆರೊದಲ್ಲಿ 1877ರಲ್ಲಿ ಶುರುವಾದ ಲೋಪೆಸ್ ದೆ ಎರೆದಿಯಾ ಎಂಬ ಬೊದೇಗಾದ ನೆಲಮಾಳಿಗೆ ಸಿಕ್ಕರೆ ಬಿಡಬೇಡ. ಒಳಗೆಲ್ಲ ಜೇಡರ ಬಲೆ, ಕಂಬಳಿ ಹೊದಿಸಿದಂತೆ. ನಿಮ್ಮ ದೊಡ್ಡವ್ವ ಬಂದಿದ್ದರೆ ಕಸಬರಿಗೆ ಕೇಳುತ್ತಿದ್ದಳು. ಆದರೆ ಅವರು ಬೇಕೆಂದೇ ಗುಡಿಸುವುದಿಲ್ಲ. ಬಾಟಲಿಯ ಬಿರಡೆ ಕೊರೆಯುವ ಪತಂಗವನ್ನು ಜೇಡ ತಿನ್ನುತ್ತದೆ. ಇನ್ನು ಪೀಪಾಯಿಗಳು, ಒಂದೊಂದೂ 225 ಲೀಟರು, ಸಾಲು ಸಾಲು. 'ಕ್ರಿಯಾನ್ಸಾ' ಎಂದರೆ ಎರಡು ವರ್ಷ ಮಾಗಿದ್ದು, 'ರೆಸೆರ್ವಾ' ಮೂರು, 'ಗ್ರಾನ್ ರೆಸೆರ್ವಾ' ಐದು. ಅದರಲ್ಲಿ ಮೊದಲೆರಡಕ್ಕೆ ಕನಿಷ್ಠ ಒಂದು ವರ್ಷ, ಕೊನೆಯದಕ್ಕೆ ಎರಡು ವರ್ಷ ಪೀಪಾಯಿವಾಸ. ಇಷ್ಟು ಗೊತ್ತಿದ್ದರೆ ಬಾಟಲಿಯ ಚೀಟಿ ಓದಬಹುದು, ಉಳಿದ ಪಾಂಡಿತ್ಯ ಬೇಕಿಲ್ಲ.

ರುಚಿ ನೋಡುವ ಮೇಜಿಗೆ ಕುಳಿತಾಗ ಒಂದು ಪೇಚು ಬರುತ್ತದೆ. ಗ್ಲಾಸು ತಿರುಗಿಸಿ, ಮೂಗಿಟ್ಟು, ಏನು ವಾಸನೆ ಹೇಳಿ ಎನ್ನುತ್ತಾರೆ. ಪಕ್ಕದವರು ಬ್ಲ್ಯಾಕ್‌ಬೆರಿ, ಚೆರ್ರಿ, ಹಳೇ ಚರ್ಮದ ಕುರ್ಚಿ ಎಂದೆಲ್ಲ ಹೇಳುತ್ತಾರೆ. ನೀನೂ ತಲೆಯಾಡಿಸಬೇಡ. ನಿನ್ನ ಮೂಗು ಬೆಳೆದದ್ದು ನಮ್ಮ ಅಡುಗೆಮನೆಯಲ್ಲಿ. ನನಗೆ ಬಂದದ್ದು ಒಣಕೊಬ್ಬರಿಯ ವಾಸನೆ. ನಗುತ್ತಾರೇನೋ ಎಂದುಕೊಂಡೇ ಹೇಳಿದೆ. ಗೈಡು ನಗಲಿಲ್ಲ, ಸರಿಯಾಗಿ ಹೇಳಿದಿರಿ ಎಂದಳು. ರಿಯೋಹಾದವರು ಹಿಂದಿನಿಂದಲೂ ಬಳಸುವ ಅಮೆರಿಕದ ಓಕ್ ಮರಕ್ಕೆ ತೆಂಗಿನ ಪರಿಮಳ ಬಿಟ್ಟುಕೊಡುವ ಗುಣವಿದೆಯಂತೆ. ನೇರಳೆ ಅನಿಸಿದರೆ ನೇರಳೆ ಎನ್ನು, ಹುಣಸೆ ಅನಿಸಿದರೆ ಹುಣಸೆ ಎನ್ನು.

ಕುಡಿಯುವ ವಿಷಯ. ನಿನಗೆ ಇಪ್ಪತ್ತೇಳು ವರ್ಷ, ಕುಡಿ ಎಂದೋ ಬೇಡವೆಂದೋ ಹೇಳಲು ನಾನು ಯಾರು? ಆದರೆ ಕುಡಿಯದವರಿಗೆ ಅಲ್ಲೇನು ಕೆಲಸ ಎಂದು ಯಾರಾದರೂ ಅಂದರೆ ನಂಬಬೇಡ. ನಾನು ಮೂಗಿನಲ್ಲೇ ಮುಗಿಸಿದೆ, ಯಾರೂ ತಪ್ಪು ತಿಳಿಯಲಿಲ್ಲ. 'ಮೋಸ್ತೊ' ಎಂದು ಕೇಳು, ಹುದುಗದ ದ್ರಾಕ್ಷಿರಸ ತಂದಿಡುತ್ತಾರೆ. ಆ ನಾಡಿನ ಬಾರುಗಳಲ್ಲಿ ಅದು ಮಕ್ಕಳ ಪಾನಕವಲ್ಲ, ದೊಡ್ಡವರೂ ಕುಡಿಯುವಂಥದ್ದು. ರುಚಿ ನೋಡುವೆಯಾದರೆ ಮೇಜಿನ ಮೇಲಿರುವ ಉಗುಳುವ ಪಾತ್ರೆ ಶೋಭೆಗಲ್ಲ ಎಂದು ತಿಳಿದಿರು. ವೈನ್ ಬಲ್ಲವರೇ ಮೊದಲು ಉಗುಳುವವರು. ಖಾಲಿ ಹೊಟ್ಟೆಯಲ್ಲಿ ಹೋಗಬೇಡ, ನೀರು ಕುಡಿಯುತ್ತಿರು. ಬಾಡಿಗೆ ಕಾರು ಅಗ್ಗವೆಂದು ಗೆಳತಿಯೊಬ್ಬಳು ಸ್ಟಿಯರಿಂಗ್ ಹಿಡಿಯುವ ಮಾತಾಡಿದರೆ ಮಾತ್ರ ಅಲ್ಲಿಗೇ ನಿಲ್ಲಿಸು. ವ್ಯಾನಿಗೆ ಕೊಡುವ ದುಡ್ಡಿನಲ್ಲಿ ಅರ್ಧ, ಕುಡಿಯದ ಡ್ರೈವರಿಗಾಗಿಯೇ ಎಂದುಕೋ. ಇನ್ನೊಂದು, ಕೆಲವು ಬೊದೇಗಾಗಳಲ್ಲಿ ವೈನ್ ತಿಳಿಯಾಗಲು ಈಗಲೂ ಮೊಟ್ಟೆಯ ಬಿಳಿ ಹಾಕುತ್ತಾರೆ. ಮೊಟ್ಟೆ ಮುಟ್ಟದ ಗೆಳತಿಯಿದ್ದರೆ ಮೊದಲೇ ಹೇಳಿಬಿಡು, ಆಮೇಲೆ ಗೊತ್ತಾಗಿ ಬೇಸರ ಬೇಡ.

ಊಟ ಮಧ್ಯಾಹ್ನ ಎರಡಕ್ಕೆ ಮೊದಲು ಸಿಗದು, ಚೀಲದಲ್ಲಿ ಚೂಡಾ ಇರಲಿ. ಸಸ್ಯಾಹಾರಿ ಎಂದರೆ ಸಾಲದು. ಮಾಂಸ ಬೇಡ ಎಂದರೆ ಹಂದಿಯ ತೊಡೆಯ ಚೂರು ಹಾಕಿ ತರುತ್ತಾರೆ, ಅದು ಅವರಿಗೆ ಮಾಂಸವೆಂದು ಅನಿಸುವುದೇ ಇಲ್ಲ. 'ಸಿನ್ ಕಾರ್ನೆ, ಸಿನ್ ಹಾಮೊನ್, ಸಿನ್ ಪೆಸ್ಕಾದೊ' ಎಂದು ಮೂರನ್ನೂ ಬಿಡಿಸಿ ಹೇಳು. ರಿಯೋಹಾ ಶೈಲಿಯ ಆಲೂಗಡ್ಡೆ ಎಂದು ಬರೆದದ್ದರಲ್ಲಿ ಹಂದಿಮಾಂಸದ ಸಾಸೇಜು ಇರುತ್ತದೆ. ಲೊಗ್ರೊನ್ಯೊದ ಲಾರೆಲ್ ಓಣಿಯ ಹೆಸರುವಾಸಿ ಅಣಬೆಯ ಮೇಲೆ ಸಿಗಡಿ ಕೂತಿರುತ್ತದೆ. ಬೆಂಕಿಯಲ್ಲಿ ಸುಟ್ಟ ಪಿಕಿಯೊ ಮೆಣಸಿನಕಾಯಿ ಕೇಳು. ಬ್ಯಾಡಗಿಯ ಬಣ್ಣ, ಖಾರ ಮಾತ್ರ ಇಲ್ಲ. ಅದರೊಳಗೆ ಮೀನು ತುಂಬಿಲ್ಲವೆಂದು ಕೇಳಿಕೊಂಡು ತಿನ್ನು.

ಊಟದ ಮೇಲೆ ಲಾಗ್ವಾರ್ದಿಯಾದಲ್ಲಿ ಒಂದು ತಾಸಾದರೂ ಇಳಿ. ಗುಡ್ಡದ ಮೇಲಿನ ಕೋಟೆಯ ಊರು. ಕೋಟೆಯೊಳಗೆ ಕಾರು ಬಿಡುವುದಿಲ್ಲ, ಏಕೆಂದರೆ ಊರ ಕೆಳಗೆಲ್ಲ ಟೊಳ್ಳು. ಮನೆಮನೆಯ ಅಡಿಯಲ್ಲೂ ಬಂಡೆ ಕೊರೆದು ಮಾಡಿದ ವೈನ್ ಗುಹೆಗಳು. ಬೇಸಿಗೆಗೂ ಚಳಿಗಾಲಕ್ಕೂ ಒಂದೇ ತಂಪು. ಮೆಟ್ಟಿಲಿಳಿದಾಗ ನನಗೆ ನಮ್ಮ ಹಳೇ ಮನೆಯ ಹಗೇವು ನೆನಪಾಯಿತು. ಜೋಳ ಇಡುತ್ತಿದ್ದೆವಲ್ಲ, ನೀನು ಅದರ ಬಾಯಿಯ ಹತ್ತಿರ ಹೋದರೆ ಅಜ್ಜಿ ಕೂಗಿಕೊಳ್ಳುತ್ತಿದ್ದಳು. ಹೊಲಗಳ ನಡುವೆ ಕಲ್ಲಿನ ಗುಂಡು ಗುಡಿಸಲು ಕಂಡರೆ ಅದು ಗುಡಿಯಲ್ಲ, ದ್ರಾಕ್ಷಿ ಕಾಯುವವನದು. ವಾಸ್ತುಶಿಲ್ಪಿ ಫ್ರಾಂಕ್ ಗೆರಿ ವಿನ್ಯಾಸ ಮಾಡಿದ ಎಲ್ಸಿಯೆಗೊ ಊರಿನ ಹೋಟೆಲಿಗೆ ಬಣ್ಣದ ಲೋಹದ ಹಾಳೆ ಹೊದಿಸಿದ್ದಾರೆ, ಎಲ್ಲರೂ ಅದರ ಮುಂದೆ ಫೋಟೊ ತೆಗೆಸಿಕೊಳ್ಳುತ್ತಾರೆ, ನೀನೂ ತೆಗೆಸಿಕೋ. ನನಗೆ ಕಾವಲುಗಾರನ ಗುಡಿಸಲೇ ಚೆಂದ.

ಬಾಟಲಿ ಕೊಳ್ಳುವುದಾದರೆ ಎರಡು ಸಾಕು. ತೆರಿಗೆಯಿಲ್ಲದೆ ತರಬಹುದಾದದ್ದು 2 ಲೀಟರು, ಕೈಚೀಲದಲ್ಲಿ ಬಿಡುವುದಿಲ್ಲ, ದೊಡ್ಡ ಪೆಟ್ಟಿಗೆಯಲ್ಲಿ ಬಟ್ಟೆ ಸುತ್ತಿ ಇಡು. ಬಳ್ಳಿಯ ಕಡ್ಡಿ ಮುರಿದು ಮಾತ್ರ ತರಬೇಡ. ನಾನು ಜೇಬಿನಲ್ಲಿ ಒಂದು ಇಟ್ಟುಕೊಂಡಿದ್ದೆ, ನಿಮ್ಮಣ್ಣ ನೋಡಿ ಎಸೆಸಿದ. ಅವನು ಮಾಡಿದ್ದೇ ಸರಿ, ಒಂದು ಕಡ್ಡಿಯ ಜೊತೆ ಯಾವ ರೋಗ ಬಂದೀತೋ.

ನೀನು ಹೋಗುವ ಹೊತ್ತಿಗೆ ಅಲ್ಲಿ ಸುಗ್ಗಿ. ಅದೇ ವಾರ ಇಲ್ಲಿ ನಮ್ಮ ಪಡದಲ್ಲಿ ಅಕ್ಟೋಬರ್ ಚಾಟ್ನಿ, ಅಂದರೆ ಬಳ್ಳಿ ಸವರುವ ಕೆಲಸ, ನಡೆದಿರುತ್ತದೆ. ಕೊಯ್ಯುವವರ ನಡುವೆ ಹೋಗಬೇಕಾದರೆ ಕೇಳಿ ಹೋಗು, ಕೇಳದೆ ಗೊನೆ ಕೀಳಬೇಡ. ಸುಗ್ಗಿಯ ದಿನ ಪಡದೊಳಗೆ ಬಂದ ಪೇಟೆಯವರ ಮೇಲೆ ನಾವೇ ಎಷ್ಟು ರೇಗುತ್ತೇವೆ ಎಂದು ನಿನಗೆ ಗೊತ್ತು. ಅಲ್ಲಿಯೂ ತೋಟ ಒಬ್ಬನದು, ಬೊದೇಗಾ ಇನ್ನೊಬ್ಬನದು ಇರುವುದೇ ಹೆಚ್ಚು. ಟ್ರ್ಯಾಕ್ಟರಿನ ಹತ್ತಿರ ನಿಂತ ಮುದುಕ ಯಾರಾದರೂ ಕಂಡರೆ ಅವನೇ ಬೆಳೆದವನು ಎಂದುಕೋ, ನಮಸ್ಕಾರ ಮಾಡಿ 'ಆ ಕ್ವಾಂತೊ ಎಲ್ ಕಿಲೊ' ಎಂದು ಕೇಳು. ಒಣದ್ರಾಕ್ಷಿ ತುಂಬಿಕೊಂಡು ತಾಸಗಾಂವ ಹರಾಜಿಗೆ ಹೋಗಿ ಪೆಚ್ಚುಮೋರೆ ಹಾಕಿಕೊಂಡು ಬರುವ ನನಗೆ, ಆ ಸಾಹುಕಾರರ ನಾಡಿನಲ್ಲಿ ಕಿಲೋಗೆ ಏನು ಕೊಡುತ್ತಾರೆ ಎಂದು ತಿಳಿಯಬೇಕಿದೆ. ಅವತ್ತು ಭಾಷೆ ಬಾರದೆ ನನಗೆ ಕೇಳಲಾಗಲಿಲ್ಲ. ಬಂದ ಮೇಲೆ ಮೊದಲು ಅದನ್ನು ಹೇಳು.